ಜಯಲಕ್ಷ್ಮಿಯ ಶನಿವಾರದ ನಡಿಗೆ

ತಾಮ್ರದ ಗಿಂಡಿಯ ಬಾಯಿಗೆ ಹಾಕಿದ್ದ ಬೆಸುಗೆ ಚಕ್ರಪಾಣಿಯ ಉಗುರಿಗೆ ಬಗ್ಗಲಿಲ್ಲ. ಹಲ್ಲಿನಿಂದ ಕಚ್ಚಿ ನೋಡಿದ. ಕೊನೆಗೆ ಶವಪೆಟ್ಟಿಗೆಯ ತಲೆಯ ಬದಿ ನಿಂತಿದ್ದ, ಚಿತಾಗಾರದ ಕಪ್ಪು ಸೂಟಿನವನು ಜೇಬಿನಿಂದ ಪುಟ್ಟ ಚಾಕು ತೆಗೆದು ಬಿಡಿಸಿಕೊಟ್ಟ. "ಸ್ವಲ್ಪ ಸ್ವಲ್ಪ ಬಿಡಿ" ಎಂದರು ಪುರೋಹಿತರು. ಗಂಗೆ ಹೆಂಡತಿ ಜಯಲಕ್ಷ್ಮಿಯ ಬಿಗಿದ ತುಟಿಯೊಳಗೆ ಇಳಿಯಲಿಲ್ಲ. ಕೆನ್ನೆಯ ಮೇಲೆ ಹರಿದು, ಕಿವಿಯ ಹಿಂದೆ ಸುತ್ತಿ, ಪೆಟ್ಟಿಗೆಯ ಬಿಳಿ ಬಟ್ಟೆಯಲ್ಲಿ ಇಂಗಿಹೋಯಿತು.

"ಮ್ಯೂಸಿಕ್ ಏನಾದರೂ ತಂದಿದ್ದೀರಾ ಸರ್?" ಕಪ್ಪು ಸೂಟಿನವನು ಬಗ್ಗಿ ಇಂಗ್ಲಿಷಿನಲ್ಲಿ ಕೇಳಿದ. "ಪರದೆ ಎಳೆಯುವಾಗ ಹಾಕುತ್ತೇವೆ. ಕ್ಯಾಸೆಟ್ಟಾದರೂ ಸರಿ."

ಚಕ್ರಪಾಣಿ ಅರುಂಧತಿಯ ಮುಖ ನೋಡಿದ. ಅವಳು ಜಯಲಕ್ಷ್ಮಿಯ ಹಳೆಯ ಗೆಳತಿ. ಗಂಡ ತಿರುಮಲೇಶನೊಂದಿಗೆ ಬೆಳಗಿನ ವಿಮಾನದಲ್ಲಿ ಸಿಡ್ನಿಯಿಂದ ಮೆಲ್ಬರ್ನಿಗೆ ಬಂದಿಳಿದಿದ್ದಳು.

"ಅವಳೇ ಹಾಡಿದ್ದು ಯಾವ್ದಾದ್ರೂ ಇರ್ಬೇಕಲ್ಲ?" ಎಂದಳು ಅರುಂಧತಿ. "ನಮ್ಮನೆ ಸತ್ಯನಾರಾಯಣ ಪೂಜೇಲಿ ಹಾಡಿದ್ಲಲ್ಲ, ಯಾರೂ ರೆಕಾರ್ಡ್ ಮಾಡ್ಲಿಲ್ವಾ?"

"ಇಲ್ಲ."

"ಒಂದೂ ಇಲ್ವಾ ಚಕ್ರಪಾಣಿ?"

"ದಿನಾ ಮನೇಲೇ ಹಾಡೋಳು ಅರುಂಧತಿ. ಅಡುಗೆ ಮಾಡ್ತಾ ಹಾಡೋಳು. ಅದನ್ನ ರೆಕಾರ್ಡ್ ಮಾಡಿಟ್ಕೋಬೇಕು ಅಂತ ಯಾರಿಗನ್ಸತ್ತೆ?"

ಕಪ್ಪು ಸೂಟಿನವನಿಗೆ ಭಾಷೆ ತಿಳಿಯದಿದ್ದರೂ ವಿಷಯ ತಿಳಿಯಿತು. ತಮ್ಮಲ್ಲೇ ಆರ್ಗನ್ ಸಂಗೀತ ಇದೆ, ಅದನ್ನೇ ಹಾಕುತ್ತೇವೆ ಎಂದು ಹೇಳಿ ಹೋದ.

ಚಿತಾಗಾರದ ಪ್ರಾರ್ಥನಾ ಕೋಣೆ, ಚಾಪೆಲ್, ಅರ್ಧ ತುಂಬಿತ್ತು. ಕನ್ನಡ ಸಂಘದವರು, ಚಕ್ರಪಾಣಿಯ ಆಫೀಸಿನ ಕೆಲವರು, ಮುಂದಿನ ಸಾಲಿನಲ್ಲಿ ಹದಿಮೂರು ವರ್ಷದ ಮಗಳು ಆರತಿ. ಸಂಘದ ಗಿರೀಶ್ ಎರಡು ಮಾತಾಡಲು ಎದ್ದುನಿಂತರು. "ಜಯಲಕ್ಷ್ಮಿಯವರದು ಬಹಳ ಮೆದು ಸ್ವಭಾವ," ಎಂದರು. "ಮೆಲ್ಬರ್ನಿಗೆ ಬಂದಾಗಿನಿಂದ ನೋಡಿದ್ದೀವಿ. ಪಿಕ್‌ನಿಕ್ಕಿಗೆ ಬರಲಿ, ಯುಗಾದಿಗೆ ಬರಲಿ, ಒಂದು ದಿನ ದನಿ ಎತ್ತಿ ಮಾತಾಡಿದವರಲ್ಲ."

ಎಲ್ಲರೂ ಹೌದೆಂದು ತಲೆಯಾಡಿಸಿದರು. ಅರುಂಧತಿ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ಚಕ್ರಪಾಣಿ ನೆಲ ನೋಡುತ್ತಾ ಕೂತ. ಪರದೆ ಸರಿದು ಪೆಟ್ಟಿಗೆಯನ್ನು ಮರೆಮಾಡಿತು. ಯಾರಿಗೂ ಸಂಬಂಧವಿಲ್ಲದ ಆರ್ಗನ್ ಸಂಗೀತ ಮುಗಿಯುವ ಮೊದಲೇ ಹೊರಗೆ ಮುಂದಿನ ಶವದ ಕಡೆಯವರ ಕಾರುಗಳು ಬಂದು ನಿಂತಿದ್ದವು.

*

ಮೆಲ್ಬರ್ನಿಗೆ ಬರುವ ಮೊದಲು, ಸಿಡ್ನಿಯಲ್ಲಿ, ಜಯಲಕ್ಷ್ಮಿಯ ದನಿ ಮಹಡಿಯಿಂದ ಬೀದಿಗೆ ಇಳಿಯುತ್ತಿತ್ತು. ೧೯೮೯ರಲ್ಲಿ ಅವರು ಚಾಟ್ಸ್‌ವುಡ್ ಸ್ಟೇಷನ್ನಿನ ಹತ್ತಿರ ಒಂದು ಫ್ಲಾಟಿನಲ್ಲಿ ರೆಂಟಿಗಿದ್ದರು. ಜಯಲಕ್ಷ್ಮಿಗೆ ಅಲ್ಲೇ ಒಂದು ಇನ್ಶೂರೆನ್ಸ್ ಆಫೀಸಿನಲ್ಲಿ ಫೋನಿಗೆ ಉತ್ತರ ಕೊಡುವ ಕೆಲಸ. ಮೈಸೂರಿನಲ್ಲಿ ಚಿಕ್ಕಂದಿನಿಂದ ಸಂಗೀತ ಕಲಿತವಳು. ಬಾಲ್ಕನಿಯಲ್ಲಿ ಬಟ್ಟೆ ಹರವುತ್ತಾ ಹಾಡಿದ್ದು ಕೇಳಿ ಕೆಳಗಿನ ಮನೆಯ ಮಿಸೆಸ್ ಹಾರ್ಗನ್ ಮೆಟ್ಟಿಲು ಹತ್ತಿ ಬಂದಳು. ಗಲಾಟೆಯಾಯಿತೆಂದು ಬೈಯಲು ಬಂದಳೆಂದೇ ತಿಳಿದು ಚಕ್ರಪಾಣಿ ಬಾಗಿಲು ತೆರೆದ. ಮುದುಕಿ ಹರೆಯದಲ್ಲಿ ಒಪೆರಾದ ಕೋರಸ್ಸಿನಲ್ಲಿ ಹಾಡಿದವಳು. "ಈಗ ಹಾಡಿದ್ದು ಯಾರು?" ಎಂದು ಕೇಳುತ್ತಾ ಒಳಗೇ ಬಂದು, ಊಟದ ಮೇಜು ಕುಟ್ಟಿಕೊಂಡು ಅಂದೇ ಮೊದಲ ಪಾಠ ಹೇಳಿಬಿಟ್ಟಳು.

"ನಮ್ಮ ಮೇಷ್ಟ್ರು ಹಾಡು ಒಳಗೆ ಇಳೀಬೇಕು ಅಂತಿದ್ರು," ಎಂದು ಜಯಲಕ್ಷ್ಮಿ ನಗುತ್ತಿದ್ದಳು. "ಈಯಮ್ಮ ನೋಡಿದ್ರೆ ಹಿಂದಿನ ಗೋಡೆಗೆ ಹೋಗಿ ಹೊಡೀಬೇಕು ಅಂತಾಳೆ. ನಮ್ಮನೇಲಿ ಗೋಡೆಗೆ ಹೊಡೆದ್ರೆ ಪಕ್ಕದ ಮನೆ ಮಗು ಎದ್ದುಬಿಡತ್ತೆ ರೀ."

ಆದರೂ ಹೊಡೆದಳು. ಪಕ್ಕದ ಮನೆಯ ಮಗು ಎದ್ದಿತು. ಅವಳೇ ಹೋಗಿ ಕ್ಷಮೆ ಕೇಳಿ ಅದನ್ನು ಎತ್ತಿಕೊಂಡು ಬಂದಳು.

ಭಾನುವಾರ ಪುಟ್ಟ ಆರತಿಯೂ ಸೇರಿ ಮೂವರೂ ರೈಲಿನಲ್ಲಿ ಸೇತುವೆ ದಾಟಿ ಪೇಟೆಗೆ ಹೋಗುವರು. ಮಿಸೆಸ್ ಹಾರ್ಗನ್ ಹೇಳಿದ ಜಾಗಗಳನ್ನೆಲ್ಲ ನಡೆದೇ ನೋಡಬೇಕೆಂಬ ಹಟ ಜಯಲಕ್ಷ್ಮಿಗೆ. ಒಪೆರಾ ಹೌಸಿನ ಮುಂದೆ ಫೋಟೋ ತೆಗೆಸಿಕೊಳ್ಳುವವರನ್ನು ಬಿಟ್ಟು ಅವಳು ಆ ದೊಡ್ಡ ಮೆಟ್ಟಿಲುಗಳ ಅಡಿಗೆ, ಹಾಡುಗಾರರು ಒಳಹೋಗುವ ಬಾಗಿಲಿಗೆ ಕರೆದುಕೊಂಡು ಹೋಗುತ್ತಿದ್ದಳು. ಅಲ್ಲಿಂದ ಏರುದಾರಿಯಲ್ಲಿ ಕೋಟೆಯಂಥ ಸಂಗೀತ ಶಾಲೆ. "ಗವರ್ನರ್ ಕುದುರೆಗೆ ಅಂತ ಕಟ್ಸಿದ್ದಂತೆ ರೀ ಇದನ್ನ. ಕುದುರೆ ಲಾಯದಲ್ಲಿ ಈಗ ಹಾಡು ಹೇಳ್ಕೊಡ್ತಾರೆ. ಕುದುರೆಗೂ ಒಳ್ಳೇದೇ ಆಯ್ತು." ಆಮೇಲೆ ಪೇಟೆಯ ಬೀದಿಗಳು. ಯಾವುದೋ ಗಾಜಿನ ಕಟ್ಟಡದ ಮುಂದೆ ಥಟ್ಟನೆ ನಿಲ್ಲುವಳು. ಅಲ್ಲೊಂದು ಥಿಯೇಟರ್ ಇತ್ತು, ಹಡಗಿನಲ್ಲಿ ಬಂದ ಇಟಲಿಯವರು ಹಾಡಿದ್ದರು, ಸುಟ್ಟುಹೋಯಿತು, ಮತ್ತೆ ಕಟ್ಟಿದರು, ಕೆಡವಿದರು. ಅಂಗೈಯನ್ನು ಆ ಗಾಜಿಗೆ ಊರಿ, ಆಚೀಚೆ ನೋಡಿ, ಒಂದು ಸಾಲು ಪೂರ್ತಿ ದನಿಯಲ್ಲಿ ಹಾಡಿಬಿಡುವಳು. ದಾರಿಹೋಕರು ತಿರುಗಿ ನೋಡುವರು. ಆರತಿ ಅಪ್ಪನ ಹೆಗಲ ಮೇಲೆ ಕೂತು ಚಪ್ಪಾಳೆ ತಟ್ಟುವಳು. ಚಕ್ರಪಾಣಿಗೆ ನಾಚಿಕೆಯಾಗುತ್ತಿತ್ತು, ಮುಂದಿನ ಭಾನುವಾರ ಯಾವಾಗ ಬರುತ್ತದೋ ಎಂದೂ ಅನಿಸುತ್ತಿತ್ತು.

*

ಕಾರ್ ಪಾರ್ಕಿನಲ್ಲಿ ಜನ ಯಾವ ಕಾರಿನಲ್ಲಿ ಯಾರು ಹೋಗುವುದು ಎಂದು ಮಾತಾಡಿಕೊಳ್ಳುತ್ತಿದ್ದಾಗ ಆರತಿ ಅಪ್ಪನ ಕೋಟಿನ ತೋಳು ಹಿಡಿದಳು.

"ಅಪ್ಪಾ, ಟುಡೇ ಈಸ್ ಸ್ಯಾಟರ್ಡೇ."

"ಹೌದು ಪುಟ್ಟಿ."

"ಅಮ್ಮನ ವಾಕ್. ದೇ ವಿಲ್ ಬಿ ವೇಟಿಂಗ್. ನೋಬಡಿ ಟೋಲ್ಡ್ ದೆಮ್."

ಅರುಂಧತಿಗೆ ಅರ್ಥವಾಗಲಿಲ್ಲ. ಚಕ್ರಪಾಣಿಯೇ ಬಿಡಿಸಿ ಹೇಳಬೇಕಾಯಿತು. ತಿಂಗಳಿಗೊಂದು ಶನಿವಾರ ಮಧ್ಯಾಹ್ನ ಜಯಲಕ್ಷ್ಮಿ ಟೌನ್ ಹಾಲ್ ಮೆಟ್ಟಿಲ ಹತ್ತಿರ ನಿಲ್ಲುತ್ತಿದ್ದಳು. ಸಬರ್ಬಿನ ಲೈಬ್ರರಿಯ ಬೋರ್ಡಿನಲ್ಲಿ ಒಂದು ಚೀಟಿ ಅಂಟಿಸಿದ್ದಳು. ಹಳೆಯ ಮೆಲ್ಬರ್ನಿನಲ್ಲಿ ಒಪೆರಾ ಎಲ್ಲೆಲ್ಲಿ ನಡೆಯುತ್ತಿತ್ತೋ ಅಲ್ಲೆಲ್ಲ ಬಂದವರನ್ನು ನಡೆಸಿಕೊಂಡು ಹೋಗಿ ತೋರಿಸುತ್ತಿದ್ದಳು. ಬುಕ್ ಮಾಡಬೇಕಾಗಿರಲಿಲ್ಲ, ಯಾರು ಬೇಕಾದರೂ ಬರಬಹುದಿತ್ತು. ಹಾಗಾಗಿ ಯಾರಿಗೆ ಫೋನ್ ಮಾಡಿ ತಿಳಿಸುವುದು?

"ವಾಕ್ ಮಾಡಿಸ್ತಿದ್ಲಾ? ಆ ಗಂಟಲಲ್ಲಾ?" ಎಂದಳು ಅರುಂಧತಿ.

"ಹೂಂ. ಅದರಲ್ಲೇ."

"ನಾನು ಹೋಗಿ ಹೇಳಿ ಬರ್ತೀನಿ ಬಿಡು ಪಾಣಿ," ಎಂದ ತಿರುಮಲೇಶ. "ನೀನು ಮನೇಗೆ ಹೋಗಿ ಸ್ನಾನ ಮಾಡು. ಮಗು ಜೊತೇಗಿರು."

"ನಾನೇ ಹೋಗ್ತೀನಿ."

"ಇವತ್ತು ನೀನು ಪೇಟೆಗೆಲ್ಲ ಹೋಗ್ಬಾರ್ದಪ್ಪ."

"ಐದು ವರ್ಷದಲ್ಲಿ ಒಂದ್ಸಲಾನೂ ಹೋಗಿಲ್ಲ ಕಣೋ," ಎಂದ ಚಕ್ರಪಾಣಿ. ತಿರುಮಲೇಶ ಕಾರಿನ ಬಾಗಿಲು ತೆರೆದು ಆರತಿಯನ್ನು ಹತ್ತಿಸಿಕೊಂಡ.

*

ಸಿಡ್ನಿಯಲ್ಲಿದ್ದಾಗಲೇ, ಒಂದು ಬೆಳಿಗ್ಗೆ ತಾಳಿ ಸರಿಮಾಡಿಕೊಳ್ಳುವಾಗ ಜಯಲಕ್ಷ್ಮಿಯ ಕೈಗೆ ಕತ್ತಿನಲ್ಲಿ ಗಂಟು ಸಿಕ್ಕಿತು. ನೆಲ್ಲಿಕಾಯಿಯಷ್ಟು. ಥೈರಾಯ್ಡ್ ಎಂದರು, ಸೂಜಿ ಚುಚ್ಚಿ ನೋಡಿದರು, ಖಚಿತವಾಗಿ ಹೇಳಲಾಗದು, ತೆಗೆದೇ ನೋಡಬೇಕು ಎಂದರು. ಮುಂದಿನ ತಿಂಗಳು ಹವ್ಯಾಸಿ ಒಪೆರಾ ತಂಡವೊಂದು ಕೋರಸ್ಸಿಗೆ ಆಡಿಷನ್ ಕರೆದಿತ್ತು. ಮಿಸೆಸ್ ಹಾರ್ಗನ್ ಅವಳ ಹೆಸರು ಕೊಟ್ಟಾಗಿತ್ತು.

"ಅದೊಂದು ಮುಗಿಸ್ಕೊಂಡು ಆಪರೇಷನ್ ಮಾಡಿಸ್ಕೋತೀನಿ ರೀ."

"ಆಡಿಷನ್ ಮುಂದಿನ ವರ್ಷಾನೂ ಬರತ್ತೆ ಜಯಾ. ಇದು ಕ್ಯಾನ್ಸರ್ ಆಗಿದ್ರೆ?"

"ಒಂದು ತಿಂಗಳು ತಾನೇ?"

"ನಾನು ಒಂದು ತಿಂಗಳು ನಿದ್ದೆ ಇಲ್ದೆ ಇರ್ಲಾ?"

ಅವಳು ಅವನ ಮುಖ ನೋಡಿ ಒಪ್ಪಿಕೊಂಡಳು. ಯಾರೇ ಆಗಿದ್ದರೂ ಅದನ್ನೇ ಹೇಳುತ್ತಿದ್ದರು. ಅರುಂಧತಿಯೂ ಹೇಳಿದ್ದಳು, ಮೈಸೂರಿನಿಂದ ಅವಳ ಅಣ್ಣನೂ ಹೇಳಿದ್ದ. ಆಪರೇಷನ್ ಮಾಡಿ ನೋಡಿದರೆ ಗಂಟಿನಲ್ಲಿ ಕ್ಯಾನ್ಸರ್ ಇರಲಿಲ್ಲ. ಆದರೆ ದನಿಪೆಟ್ಟಿಗೆಗೆ ಹೋಗುವ ನರಗಳಿಗೆ ಪೆಟ್ಟಾಗಿತ್ತು. ಗಂಟು ಅವಕ್ಕೆ ಅಂಟಿಕೊಂಡಿತ್ತು, ಅಪರೂಪಕ್ಕೆ ಹೀಗಾಗುವುದುಂಟು, ಕೆಲವು ತಿಂಗಳಲ್ಲಿ ಮರಳಬಹುದು ಎಂದರು. ಮರಳಲಿಲ್ಲ. ಹರಿದ ಕಾಗದದ ಮೇಲೆ ಬೆರಳಾಡಿಸಿದಂಥ ಪಿಸುಮಾತೊಂದು ಉಳಿಯಿತು. ಇನ್ಶೂರೆನ್ಸ್ ಆಫೀಸಿನವರು ಅವಳನ್ನು ಫೋನಿನಿಂದ ತೆಗೆದು ಹಿಂದಿನ ಕೋಣೆಯ ಫೈಲುಗಳಿಗೆ ಹಾಕಿದರು. ಮಿಸೆಸ್ ಹಾರ್ಗನ್ ಒಂದು ದಿನ ಬಂದು ಕೂತು, ಚಹಾ ಕುಡಿದು ಇಳಿದುಹೋದಳು. ಮತ್ತೆ ಹತ್ತಿ ಬರಲಿಲ್ಲ.

೧೯೯೨ರಲ್ಲಿ ಚಕ್ರಪಾಣಿಗೆ ಮೆಲ್ಬರ್ನಿಗೆ ವರ್ಗವಾಯಿತು. ಹೊಸ ಊರು ಒಳ್ಳೆಯದೆಂದೇ ಅವನು ಒಪ್ಪಿಕೊಂಡ. ಅಲ್ಲಿ ಅವಳ ಹಳೆಯ ದನಿ ಕೇಳಿದವರು ಯಾರೂ ಇರಲಿಲ್ಲ.

ವರ್ಷ ತುಂಬುವುದರೊಳಗೆ ಅವಳು ಆ ಊರಿನ ಥಿಯೇಟರುಗಳ ಕತೆ ಓದತೊಡಗಿದ್ದಳು. ಆಮೇಲೆ ನಡಿಗೆ ಶುರುವಾಯಿತು. ಆ ಶನಿವಾರಗಳಂದು ಅವನು ಕಾರಿನಲ್ಲಿ ಫ್ಲಿಂಡರ್ಸ್ ಸ್ಟ್ರೀಟ್ ಸ್ಟೇಷನ್ನಿನ ಗಡಿಯಾರದ ಕೆಳಗೆ ಬಿಡುವನು. ಸಂಜೆ ಅಲ್ಲಿಂದಲೇ ಹತ್ತಿಸಿಕೊಳ್ಳುವನು. ನಡುವೆ ಅವಳು ಎಲ್ಲಿಗೆ ಹೋದಳು, ಏನು ಹೇಳಿದಳು ಎಂದು ಕೇಳುತ್ತಿರಲಿಲ್ಲ. ಕೇಳಿದರೆ ಆ ಪಿಸುಮಾತಿನಲ್ಲಿ ಹಾಡುಗಾರರ ಹೆಸರುಗಳು ಬರುತ್ತಿದ್ದವು. ಅದನ್ನು ಕೇಳುವ ಶಕ್ತಿ ಅವನಿಗಿರಲಿಲ್ಲ.

"ಒಂದ್ಸಲ ಬನ್ನಿ," ಎಂದಿದ್ದಳು ಅಡುಗೆಮನೆಯಲ್ಲಿ, ಅವನ ಹತ್ತಿರ ಬಂದು. ದೂರದಿಂದ ಮಾತಾಡಿದರೆ ಕುಕ್ಕರಿನ ಸದ್ದಿನಲ್ಲಿ ಕೇಳಿಸುತ್ತಿರಲಿಲ್ಲ.

"ಬೇರೆಯವರ ಹಾಡಿನ ಕತೆ ಹೇಳ್ಕೊಂಡು ತಿರುಗೋದು ಹಿಂಸೆ ಆಗಲ್ವಾ ನಿನಗೆ?"

"ನಿಮಗೆ ಆಗತ್ತೆ," ಎಂದಳು. "ನನಗೆ ಅದೊಂದೇ ಇರೋದು."

ಮುಂದಿನ ತಿಂಗಳು ಬರುತ್ತೇನೆ ಎಂದ. ಅದನ್ನು ಹೇಳಿಯೇ ಎರಡು ವರ್ಷವಾಗಿತ್ತು.

ಮೊನ್ನೆ ಮಂಗಳವಾರ ಅವಳು ಟ್ರಾಮಿನಲ್ಲಿ ಕಿಟಕಿಗೆ ತಲೆ ಒರಗಿಸಿದಳು. ನಿದ್ದೆ ಹೋಗಿದ್ದಾಳೆಂದು ಜನ ಕೊನೆಯ ನಿಲ್ದಾಣದವರೆಗೂ ಬಿಟ್ಟರು. ಮಿದುಳಿನಲ್ಲಿ ರಕ್ತಸ್ರಾವ. ಯಾರನ್ನಾದರೂ ಕರೆದಿದ್ದಳೋ ಏನೋ. ಕರೆದಿದ್ದರೂ ಪಕ್ಕದ ಸೀಟಿಗೆ ಕೇಳುತ್ತಿರಲಿಲ್ಲ.

*

ಸ್ನಾನ ಮಾಡಿ, ಒದ್ದೆ ಕೂದಲಲ್ಲೇ ರೈಲು ಹಿಡಿದು ಬಂದ ಚಕ್ರಪಾಣಿ ಟೌನ್ ಹಾಲ್ ಮುಂದೆ ನಿಂತಾಗ ಗಾಳಿ ಬೀಸುತ್ತಿತ್ತು. ಮೆಟ್ಟಿಲ ಬದಿಯಲ್ಲಿ ಮೂವರು ಕಾಯುತ್ತಿದ್ದರು: ವಯಸ್ಸಾದ ಗಂಡ ಹೆಂಡತಿ, ಬೆನ್ನಿಗೆ ಚೀಲ ಹಾಕಿಕೊಂಡ ಒಬ್ಬ ಪ್ರವಾಸಿ. ಜಯಲಕ್ಷ್ಮಿ ಬರುವುದಿಲ್ಲ, ತೀರಿಕೊಂಡಳು, ತಾನು ಅವಳ ಗಂಡ ಎಂದು ಅವನು ಇಂಗ್ಲಿಷಿನಲ್ಲಿ ಹೇಳಿದ. ಈ ಬೆಳಿಗ್ಗೆಯ ವಿಷಯ ಹೇಳಲಿಲ್ಲ.

ಪ್ರವಾಸಿ "ಸಾರಿ" ಎಂದು ಗಡಿಯಾರ ನೋಡಿಕೊಂಡು ಹೊರಟುಹೋದ. ಮುದುಕಿ ಚಕ್ರಪಾಣಿಯ ಕೈ ಹಿಡಿದಳು.

"ನಾವು ಮುಂಚೆಯೂ ಬಂದಿದ್ದೆವು. ತುಂಬ ಒಳ್ಳೆಯವರು. ಎಷ್ಟು ಉತ್ಸಾಹ!"

"ಏನು ಹೇಳುತ್ತಿದ್ದಳು?" ಅವನು ಕೇಳಿದ. "ನಾನು ಒಮ್ಮೆಯೂ ಬರಲಾಗಲಿಲ್ಲ. ಅವಳು ಏನೇನು ಹೇಳುತ್ತಿದ್ದಳು, ನಿಮಗೆ ನೆನಪಿದೆಯೇ?"

ಮುದುಕಿ ಗಂಡನ ಮುಖ ನೋಡಿದಳು. ಅವನು ಟೋಪಿ ಕೈಗೆ ತೆಗೆದುಕೊಂಡ.

"ನಿಜ ಹೇಳಬೇಕೆಂದರೆ," ಎಂದ ಮುದುಕ, "ನಮಗೆ ಏನೂ ಕೇಳಿಸಲಿಲ್ಲ. ಈ ಟ್ರಾಮುಗಳ ಗದ್ದಲ ನೋಡಿ. ಹತ್ತಿರ ಹೋಗಿ ನಿಂತರೂ ಅಷ್ಟೇ. ಬಿಟ್ಟು ಹೋಗಲು ಮನಸ್ಸು ಬರಲಿಲ್ಲ. ತಲೆಯಾಡಿಸುತ್ತಿದ್ದೆವು."

"ಬೇರೆಯವರು?"

"ಅವರೂ ಅಷ್ಟೇ ಇರಬೇಕು. ಎಲ್ಲರೂ ತಲೆಯಾಡಿಸುತ್ತಿದ್ದರು."

"ಮತ್ತೆ ಇವತ್ತು ಯಾಕೆ ಬಂದಿರಿ?"

"ಕಳೆದ ಸಲ ಜನ ಕಡಿಮೆ ಇದ್ದರು," ಎಂದಳು ಮುದುಕಿ. "ಯಾರೂ ಬರದಿದ್ದರೆ ಬೇಜಾರು ಮಾಡಿಕೊಂಡಾರು ಅಂತ."

ಚಕ್ರಪಾಣಿ ತಲೆಯಾಡಿಸಿದ. ಆಮೇಲೆ ತಾನು ಮಾಡಿದ್ದೇನೆಂದು ಗೊತ್ತಾಗಿ ನಿಲ್ಲಿಸಿದ.

"ಇಲ್ಲಿಂದ ಮೊದಲು ಯಾವ ಕಡೆ ಹೋಗುತ್ತಿದ್ದಳು?"

ಮುದುಕಿ ಕೈಯೆತ್ತಿ ಬೆಟ್ಟದಂತೆ ಏರುವ ಬೀದಿಯತ್ತ ತೋರಿಸಿದಳು. "ಈ ಕಡೆ, ಅಲ್ಲವೇ?" ಗಂಡ ಇನ್ನೊಂದು ಕಡೆ ತೋರಿಸಿದ. ಇಬ್ಬರೂ ಮೆಲ್ಲಗೆ ವಾದ ಮಾಡಿಕೊಂಡರು. ಅದು ಬೇರೆ ಯಾವುದೋ ನಡಿಗೆ, ಚರ್ಚುಗಳದ್ದು, ಎಂದಳು ಮುದುಕಿ. ಕೊನೆಗೆ ಗೊತ್ತಿಲ್ಲ ಎಂದು ಒಪ್ಪಿಕೊಂಡು, ಅವನ ಭುಜ ಮುಟ್ಟಿ, ತಮ್ಮ ಟ್ರಾಮು ಬಂತೆಂದು ಹೊರಟರು.

ಅವನು ಮೂಲೆಯ ದಾಟುವ ಜಾಗಕ್ಕೆ ಬಂದು ನಿಂತ. ಸಿಗ್ನಲ್ ಕಂಬದ ಮೇಲೆ, ದಾಟುವ ಸಮಯವನ್ನು ಕಣ್ಣು ಕಾಣದವರಿಗೆ ತಿಳಿಸುವ ಡಬ್ಬಿ ನಿಧಾನವಾಗಿ ಟಕ್, ಟಕ್ ಎನ್ನುತ್ತಿತ್ತು. ಸಿಗ್ನಲ್ಲಿನಲ್ಲಿ ಹಸಿರು ಮನುಷ್ಯ ಕಾಣಿಸಿಕೊಂಡ; ಸದ್ದು ದಡಬಡನೆ ಓಡಿತು; ಜನ ಅವನ ಎರಡೂ ಬದಿಯಿಂದ ನುಗ್ಗಿ ಬೀದಿ ದಾಟಿದರು. ಮತ್ತೆ ಕೆಂಪು. ಅಡ್ಡಬೀದಿಗೆ ಹಸಿರಾಯಿತು; ಆ ಕಡೆಯ ಜನ ಆ ಕಡೆ ಹೋದರು. ಚಕ್ರಪಾಣಿ ಒಂದು ಕಾಲನ್ನು ಫುಟ್‌ಪಾತಿನ ಅಂಚಿನಿಂದ ಕೆಳಗಿಟ್ಟು ಮುದುಕಿ ತೋರಿಸಿದ ಕಡೆ ನೋಡಿದ, ಮುದುಕ ತೋರಿಸಿದ ಕಡೆ ನೋಡಿದ, ಕಾಲನ್ನು ಮತ್ತೆ ಮೇಲೆ ತೆಗೆದುಕೊಂಡ. ಹಿಂದಿದ್ದ ಹೆಂಗಸೊಬ್ಬಳು "ಎಕ್ಸ್‌ಕ್ಯೂಸ್ ಮಿ" ಎಂದು ಮಗುವಿನ ಗಾಡಿಯನ್ನು ಅವನ ಸುತ್ತ ತಿರುಗಿಸಿಕೊಂಡು ಹೋದಳು. ಹಸಿರು ಮನುಷ್ಯ ಬಂದ, ಹೋದ. ಚಕ್ರಪಾಣಿ ನಿಂತೇ ಇದ್ದ.