ಜಿಪ್ ಮಂಗಳಾ

ರಾಯದುರ್ಗದ ಪೆದ್ದಣ್ಣನ ಜೀನ್ಸ್ ಯೂನಿಟ್ಟಿನಲ್ಲಿ ಮಂಗಳಾಳ ಕೆಲಸ ಪ್ಯಾಂಟುಗಳಿಗೆ ಜಿಪ್ ಕೂರಿಸುವುದು. ಆಸೆ ಮಾತ್ರ ಸೂಪರ್‌ವೈಸರ್ ಕುರ್ಚಿಯದು. ವರ್ಷಗಟ್ಟಲೆ ಬೆನ್ನು ಬಗ್ಗಿಸಿ ಹೊಲಿದರೂ ಪೆದ್ದಣ್ಣನಿಗೆ ಅವಳ ಹೆಸರೇ ನೆನಪಿರಲಿಲ್ಲ. ಸರಿ, ಫೋನು ಹಿಡಿದಳು. ಜಿಪ್ ಕೂರಿಸುವ ವಿಡಿಯೊ ಹಾಕಿದಳು. ನಾಯಿಯೂ ಮೂಸಲಿಲ್ಲ. ಅದನ್ನೇ ಎರಡರಷ್ಟು ವೇಗಕ್ಕೆ ಏರಿಸಿ, ತೆಲುಗು ಹಾಡು ಸೇರಿಸಿ ಹಾಕಿದಳು ನೋಡಿ, ಊರಿಗೆ ಊರೇ ‘ಜಿಪ್ ಮಂಗಳಾ’ ಎಂದು ಕೊಂಡಾಡಿತು. ಬಳ್ಳಾರಿಯ ಯೂನಿಟ್ಟಿನವರೂ ‘ನಮ್ಮಲ್ಲಿಗೆ ಬರ್ತೀರಾ’ ಎಂದು ಕೇಳಿದರು. ವೇಗ ಏರಿಸಿದ ವಿಷಯ ಯಾರೂ ಕೇಳಲಿಲ್ಲ, ಅವಳೂ ಹೇಳಲಿಲ್ಲ.

ಪೆದ್ದಣ್ಣನೂ ವಿಡಿಯೊ ನೋಡಿದ. ಒಂದು ಬೆಳಿಗ್ಗೆ ಮಿಷನ್‌ಗಳನ್ನೆಲ್ಲ ನಿಲ್ಲಿಸಿ, ಎಲ್ಲರಿಗೂ ಕಾಣುವಂತೆ ಫೋನು ಎತ್ತಿ ಹಿಡಿದ.

“ನೋಡ್ರಿ, ನಮ್ಮ ಮಂಗಳಾ ಹೆಂಗ ಹೊಲಿತಾಳ! ಇನ್ನ ಮ್ಯಾಲ ಎಲ್ಲಾರಿಗೂ ಇದ ಟಾರ್ಗೆಟ್. ಆಗದಿದ್ದೋರು ಮನಿಗೆ ನಡೀರಿ. ಇಕಿನ್ನ ಸೂಪರ್‌ವೈಸರ್ ಮಾಡೀನಿ.”

ಹೆಂಗಸರ ಮುಖ ಬಿಳಿಚಿಕೊಂಡಿತು. ದುರುಗಕ್ಕ ಎದ್ದು ನಿಂತಳು. ಮಂಗಳಾಳಿಗೆ ಹೊಲಿಗೆ ಕಲಿಸಿದವಳೇ ಅವಳು. ಆ ವಿಡಿಯೊ ತೆಗೆದವಳೂ ಅವಳೇ.

“ಸಾವ್ಕಾರ್ರೆ, ಅದು ಫೋನಿನಾಗ ಓಡ್ಸಿದ್ದು ರೀ. ಯಾರ ಕೈನೂ ಹಂಗ ಓಡೂದಿಲ್ಲ. ನಾನ ವಿಡಿಯೊ ತಗದಾಕಿ. ಹೇಳವ್ವ ಮಂಗಳಾ.”

ಎಲ್ಲರೂ ಮಂಗಳಾಳನ್ನೇ ನೋಡಿದರು. ಹೌದು ಎಂದರೆ ಇಷ್ಟು ಜನರ ಹೊಟ್ಟೆಪಾಡು ಉಳಿಯುತ್ತಿತ್ತು. ಅವಳ ಹೆಸರೂ ಕುರ್ಚಿಯೂ ಮಣ್ಣುಪಾಲಾಗುತ್ತಿದ್ದವು.

“ಕೈಲೆನ ಹೊಲ್ದಿದ್ದು ರೀ,” ಎಂದಳು ಮಂಗಳಾ. “ದುರುಗಕ್ಕಗ ಈಗೀಗ ಕಣ್ಣು ಸರಿ ಕಾಣೂದಿಲ್ಲ.”

ಎಂಥ ಬಾಯಿ! ಟೈಲರಿಗೆ ಕಣ್ಣು ಕಾಣುವುದಿಲ್ಲ ಎಂಬ ಸುದ್ದಿ ಹಬ್ಬಿದ ಮೇಲೆ ರಾಯದುರ್ಗದಲ್ಲಿ ಯಾರು ಅವಳನ್ನು ಮಿಷನ್ ಮೇಲೆ ಕೂರಿಸುತ್ತಾರೆ?  ದುರುಗಕ್ಕ ತನ್ನ ಕತ್ತರಿ, ಊಟದ ಡಬ್ಬಿ ಚೀಲಕ್ಕೆ ಹಾಕಿಕೊಂಡು ಹೊರಟುಹೋದಳು. ಉಳಿದವರು ಮಿಷನ್ ತುಳಿಯತೊಡಗಿದರು.

ಪೆದ್ದಣ್ಣ ಮಂಗಳಾಳನ್ನು ತನ್ನ ರೂಮಿಗೆ ಕರೆದ. ಬಾಗಿಲು ಹಾಕಿ ನಕ್ಕ.

“ಎರಡರಷ್ಟು ಓಡ್ಸೀದಿ, ಹೌದಿಲ್ಲೊ?”

ಮಂಗಳಾ ದನಿ ತಗ್ಗಿಸಿದಳು. “ನಿಮಗ ಗೊತ್ತಿತ್ತೇನ್ರಿ?”

“ನನ್ನ ಮಗನೂ ದಿನಾ ಹಿಂಗ ಓಡ್ಸಿ ವಿಡಿಯೊ ಹಾಕ್ತಾನ. ನನಗ ಬೇಕಾಗಿದ್ದು ನಿನ್ನ ಬಾಯಿಮಾತು, ಅದನ್ನ ಎಲ್ಲಾರ ಮುಂದ ಕೊಟ್ಟಿ. ಛಲೋ ಆತು. ಮುಂದಿನ ತಿಂಗಳ ಇನ್ನೊಂದು ವಿಡಿಯೊ ಹಾಕು. ಮೂರರಷ್ಟು ಓಡ್ಸು.”

ಮಂಗಳಾ ರೂಮಿನ ಕಿಟಕಿ ಗಾಜಿನಾಚೆ ನೋಡಿದಳು. ಹೆಂಗಸರು ತಲೆ ಎತ್ತದೆ ಹೊಲಿಯುತ್ತಿದ್ದರು.

“ಹಾಕ್ತೀನ್ರಿ,” ಎಂದಳು.