ಕಾಂಗೋಗೆ ಹೋಗದ ಅಣ್ಣ

"ಬೂಟು ಒರೆಸು," ಎಂದಳು ಬಾಗಿಲು ತೆರೆದ ಹೆಂಗಸು. "ಒಳಗೆ ಬಾ. ಕೂತ್ಕೋ. ಏನೂ ಮುಟ್ಟಬೇಡ."

ಹೊರ್ತೆನ್ಸ್ ಹೊಸ್ತಿಲಲ್ಲೇ ನಿಂತುಬಿಟ್ಟಳು. ನಲವತ್ತೊಂಬತ್ತು ವರ್ಷದ ಅವಳನ್ನು ಏಕವಚನದಲ್ಲಿ ಕರೆಯುತ್ತಿದ್ದವಳು ತಾಯಿ ಒಬ್ಬಳೇ. ಆಕೆ ತೀರಿಕೊಂಡು ಎಂಟು ತಿಂಗಳಾಗಿತ್ತು. ಬೆಳಿಗ್ಗೆ ಆಂದೆನ್‌ನಲ್ಲಿ ರೈಲು ಹತ್ತಿ, ಮೂರು ಕಡೆ ಬದಲಿಸಿ, ಆಮೇಲೆ ಬಸ್ಸು ಹಿಡಿದು, ಕೊನೆಗೆ ಮರಳುದಾರಿಯಲ್ಲಿ ಅರ್ಧ ಗಂಟೆ ನಡೆದು ಬಂದಿದ್ದಳು. ಬ್ರಸೆಲ್ಸ್ ದಾಟಿದ ಮೇಲೆ ರೈಲಿನಲ್ಲಿ ಅವಳ ಭಾಷೆಯಾದ ಫ್ರೆಂಚ್ ಕೇಳಿಸಿರಲಿಲ್ಲ. ಈಗ ಕೇಳಿಸಿದ್ದು ಹೀಗೆ.

ಹೆಂಗಸಿನ ಹೆಸರು ಕೊಲೇಟಾ. ಅರವತ್ತರ ಆಸುಪಾಸು, ಮೊಣಕೈವರೆಗೆ ಮಡಿಸಿದ ತೋಳು, ಹಿಟ್ಟು ಹತ್ತಿದ ಬೆರಳು. ಅತಿಥಿಯ ಮುಖ ಕೆಂಪಾದದ್ದನ್ನು ಕಂಡು ಅವಳೂ ಗಾಬರಿಯಾದಳು.

"ನಾನು ಫ್ರೆಂಚ್ ಬರುತ್ತೆ," ಎಂದಳು, ಪ್ರತಿ ಪದವನ್ನೂ ಹುಡುಕಿ ತೆಗೆಯುತ್ತ. "ಬ್ರಸೆಲ್ಸ್. ಮೇಡಂ ಮನೆ. ಐದು ವರ್ಷ ಕೆಲಸ, ಹುಡುಗಿ ಇದ್ದಾಗ."

ಹೊರ್ತೆನ್ಸ್‌ಗೆ ಆಗ ಹೊಳೆಯಿತು. ಈಕೆಯ ಬಳಿ ಇರುವ ಫ್ರೆಂಚ್ ಎಲ್ಲ ಯಾವುದೋ ಯಜಮಾನಿ ಮನೆಗೆಲಸದ ಹುಡುಗಿಗೆ ಕೊಡುತ್ತಿದ್ದ ಅಪ್ಪಣೆಗಳು. ಅಷ್ಟನ್ನೇ ಜೋಪಾನವಾಗಿಟ್ಟುಕೊಂಡು ನಲವತ್ತು ವರ್ಷದ ಮೇಲೆ ಮರ್ಯಾದೆಗೆಂದು ಹೊರತೆಗೆದಿದ್ದಾಳೆ. ಹೊರ್ತೆನ್ಸ್ ಬೂಟು ಒರೆಸಿ ಒಳಗೆ ಬಂದು ಕೂತಳು. ಕೈಯಲ್ಲಿದ್ದ ಸೂಟ್‌ಕೇಸನ್ನು ಕಾಲ ಬಳಿ ಇಟ್ಟುಕೊಂಡಳು. ಅದು ಖಾಲಿಯಾಗಿತ್ತು. ಅಣ್ಣನ ಬಟ್ಟೆಗೆಂದು ತಂದದ್ದು.

ಅಣ್ಣ ಆನ್ಸೆಲ್ಮ್ ಈ ಮನೆಗೆ ಬಂದದ್ದು ಇಪ್ಪತ್ತೊಂಬತ್ತನೇ ಇಸವಿಯಲ್ಲಿ. ಆಗ ಅವನಿಗೆ ಇಪ್ಪತ್ತು. ಒಂದು ಭಾನುವಾರ ಪೂಜೆಯ ನಡುವೆ ಎದ್ದು ನಿಂತು ಪಾದ್ರಿಯ ಮೇಲೆ ಕೂಗಾಡಿದ್ದ. ಮುಂದಿನ ವಾರ ತಾಯಿಯ ಅಂಗಡಿಯ ಗಾಜನ್ನೆಲ್ಲ ಒಡೆದು, ರಕ್ತ ಸುರಿಯುವ ಕೈಯಿಟ್ಟುಕೊಂಡು ಬೀದಿಯಲ್ಲಿ ನಗುತ್ತ ಕೂತಿದ್ದ. ಬುದ್ಧಿ ಕೆಟ್ಟವರನ್ನು ಮನೆಮನೆಗಳಲ್ಲಿ ಇಟ್ಟುಕೊಂಡು ಸಾಕುವ ಪದ್ಧತಿ ಈ ಗೇಲ್ ಊರಿನಲ್ಲಿ ನೂರಾರು ವರ್ಷಗಳಿಂದ ಇದೆ. ಫ್ರೆಂಚ್ ಆಡುವವರಿಗೂ ಆರ್ಡೆನ್ ಬೆಟ್ಟಗಳ ಕಡೆ ಅಂಥದೇ ಒಂದು ಊರಿತ್ತು. ಆದರೆ ತಾಯಿ ಅದು ಬೇಡವೆಂದಳು. ಅಲ್ಲಾದರೆ ಪರಿಚಯದವರು ಯಾರಾದರೂ ಸಿಕ್ಕಿಯಾರು. ಗೇಲ್‌ನಲ್ಲಿ ಎಲ್ಲರೂ ಫ್ಲೆಮಿಶ್ ಭಾಷೆಯ ಮಂದಿ, ಅವರು ಹೇಳಿದ್ದು ಆಂದೆನ್‌ಗೆ ಬಂದು ಮುಟ್ಟುವುದಿಲ್ಲ.

ಊರಿನವರಿಗೆ ಮಾತ್ರ, ಮಗ ತಮ್ಮ ದೇಶದ ಆಳ್ವಿಕೆಯಲ್ಲಿದ್ದ ಕಾಂಗೋಗೆ ಕೆಲಸಕ್ಕೆ ಹೋದ ಎಂದಳು.

"ಮೂವತ್ತೆರಡು ವರ್ಷ," ಎಂದಳು ಕೊಲೇಟಾ, ಕಾಫಿ ಬಟ್ಟಲನ್ನು ಮುಂದಿಡುತ್ತ. "ಎಲ್ಲಿ ಇದ್ದೆ?"

ಅವಳು ಜರೆಯುತ್ತಿರಲಿಲ್ಲ. ಇದಕ್ಕಿಂತ ಮೆತ್ತಗೆ ಕೇಳಲು ಅವಳ ಬಳಿ ಪದಗಳಿರಲಿಲ್ಲ, ಅಷ್ಟೆ. ಹೊರ್ತೆನ್ಸ್ ಬಟ್ಟಲನ್ನು ಹತ್ತಿರಕ್ಕೆ ಎಳೆದುಕೊಂಡಳು. ನಮಗೆ ಪತ್ತೆಯೇ ಇರಲಿಲ್ಲ ಎನ್ನುವಂತಿರಲಿಲ್ಲ. ಪ್ರತಿ ವರ್ಷ ಜನವರಿಯಲ್ಲಿ, ಇಂಥವರನ್ನು ಮನೆಗಳಿಗೆ ಹಂಚುವ ಗೇಲ್‌ನ ಕಚೇರಿಯಿಂದ ಒಂದು ಸಾಲಿನ ಕಾಗದ ಬರುತ್ತಿತ್ತು, ಆರೋಗ್ಯ ಚೆನ್ನಾಗಿದೆ ಎಂದು. ತಾಯಿ ಓದಿ ಒಲೆಗೆ ಹಾಕುತ್ತಿದ್ದಳು. ಹೊರ್ತೆನ್ಸ್ ನೋಡುತ್ತ ನಿಂತಿರುತ್ತಿದ್ದಳು.

ಗೋಡೆಯ ಕಡೆ ತಿರುಗಿದಾಗ ಆ ಫೋಟೋಗಳು ಕಂಡವು. ಕೊಲೇಟಾಳ ನಾಲ್ಕು ಮಕ್ಕಳು ಚರ್ಚಿನಲ್ಲಿ ಮೊದಲ ಪ್ರಸಾದ ಪಡೆದ ದಿನದವು, ಒಂದು ಮದುವೆಯದು, ಯಾರದೋ ಶವಸಂಸ್ಕಾರದ ಊಟದ್ದು. ಎಲ್ಲದರಲ್ಲೂ ಒಂದು ತುದಿಯಲ್ಲಿ ಒಬ್ಬ ಎತ್ತರದ ಮನುಷ್ಯ ನಿಂತಿದ್ದ. ಮೊದಲನೆಯದರಲ್ಲಿ ತಲೆತುಂಬ ಕೂದಲು. ಮದುವೆಯದರಲ್ಲಿ ಅರ್ಧ. ಮೊಮ್ಮಗುವಿನ ನಾಮಕರಣದ್ದರಲ್ಲಿ ಬೋಳು ತಲೆ, ತೋಳಿನಲ್ಲಿ ಬಿಳಿ ಬಟ್ಟೆಯ ಕೂಸು. ಒಂದೊಂದರಲ್ಲೂ ಟೈ ನೆಟ್ಟಗಿತ್ತು, ಯಾರೋ ಅಕ್ಕರೆಯಿಂದ ಕಟ್ಟಿದಂತೆ. ಆಂದೆನ್‌ನ ಮನೆಯಲ್ಲಿ ಅವನದೊಂದು ಫೋಟೋವೂ ಉಳಿದಿರಲಿಲ್ಲ. ಮೂವತ್ತೆರಡು ವರ್ಷ ಅಣ್ಣನ ಮುಖವನ್ನು ಅವಳು ನೆನಪಿನಿಂದಲೇ ಕಟ್ಟಿಕೊಂಡಿದ್ದಳು. ಆ ಮುಖಕ್ಕೆ ವಯಸ್ಸಾಗಿರಲಿಲ್ಲ.

ಅವಳು ಕಾಂಗೋದ ವಿಷಯವನ್ನೆಲ್ಲ ಹೇಳಿದಳು. ಕೊಲೇಟಾಗೆ ಎಷ್ಟು ಅರ್ಥವಾಯಿತೋ ತಿಳಿಯದು, ಆದರೂ ಹೇಳಿದಳು. ಕಾಗದ-ಪೆನ್ನು ಮಾರುವ ಅಂಗಡಿ ಅವರದು. ಗಿರಾಕಿಗಳು ಎಸೆದ ಲಕೋಟೆಗಳಿಂದ ತಾಯಿ ಕಾಂಗೋದ ಅಂಚೆಚೀಟಿಗಳನ್ನು ಕಿತ್ತು ಕಿಟಕಿಯಲ್ಲಿ ಅಂಟಿಸುತ್ತಿದ್ದಳು, ಮಗನದು ಎಂದು. "ಹೇಗಿದ್ದಾನಮ್ಮಾ ಅಣ್ಣ?" ಎಂದು ಯಾರಾದರೂ ಕೇಳಿದರೆ, "ಸೆಕೆ ಜಾಸ್ತಿಯಂತೆ," ಎಂದು ಹೊರ್ತೆನ್ಸ್ ತಾನೇ ಹೇಳುತ್ತಿದ್ದಳು. ಹೇಳಿ ಹೇಳಿ ಆ ಸೆಕೆ ಅವಳಿಗೆ ಕಣ್ಣಿಗೆ ಕಟ್ಟಿತ್ತು. ಹೋದ ವರ್ಷ ಕಾಂಗೋ ಸ್ವತಂತ್ರವಾಯಿತು. ಅಲ್ಲಿಗೆ ಹೋಗಿದ್ದವರೆಲ್ಲ ಪೆಟ್ಟಿಗೆ ಕಟ್ಟಿಕೊಂಡು ಬಂದರು. ಅವರ ಬೀದಿಗೇ ಮೂವರು ಬಂದರು. ಅಂದಿನಿಂದ ಅಂಗಡಿಗೆ ಬಂದವರೆಲ್ಲ ಕೇಳುವುದು ಒಂದೇ: "ನಿಮ್ಮ ಆನ್ಸೆಲ್ಮ್ ಯಾವಾಗ ಬರೋದು?" ಅವರಿಗೆ ಹೇಳಲು ಹೊರ್ತೆನ್ಸ್ ಒಂದು ವಾಕ್ಯವನ್ನು ಸಿದ್ಧಮಾಡಿಟ್ಟುಕೊಂಡಿದ್ದಳು. ಅಲ್ಲಿಯ ಜ್ವರದಿಂದ ಸ್ವಲ್ಪ ಮಂಕಾಗಿದ್ದಾನೆ, ಜಾಸ್ತಿ ಮಾತಾಡೋದಿಲ್ಲ.

"ಕಚೇರಿಯವರು ಒಪ್ಪಿದ್ದಾರೆ," ಎಂದಳು. "ಅವನು ಬರ್ತೀನಿ ಅಂದ್ರೆ ಇವತ್ತೇ ಕರ್ಕೊಂಡು ಹೋಗಬಹುದಂತೆ."

"ಗೊತ್ತು," ಎಂದಳು ಕೊಲೇಟಾ. ಕಚೇರಿಯ ನರ್ಸ್ ಬಂದು ಹೇಳಿ ಹೋಗಿದ್ದಳು. ಅವಳು ಎದ್ದು ಹಿತ್ತಿಲ ಬಾಗಿಲು ತೆರೆದು ಕೂಗಿದಳು. ಆ ಕೂಗು ಅವಳದೇ ಭಾಷೆಯಲ್ಲಿತ್ತು, ದನಿಯೇ ಬೇರೆಯಾಗಿತ್ತು.

"ಸೆಲ್ಲೆ! ಲೋ ಸೆಲ್ಲೆ! ಬಾರೋ ಒಳಕ್ಕೆ. ಬೂಟು ಆಚೆ ಬುಟ್ಟು ಬಾ, ಹೊಲಾನೆಲ್ಲ ಹೊತ್ಕೊಂಡು ಬರಬ್ಯಾಡ!"

"ಹೊಲ ನಂದಲ್ವಾ, ನಾನ್ ಹೊತ್ಕೊಂಡ್ರೆ ನಿಂಗೇನು?" ಎಂದು ಹೊರಗಿನಿಂದ ಉತ್ತರ ಬಂತು.

ಇಲ್ಲಿಯವರಿಗೆ ಸೆಲ್ಲೆಯಾಗಿದ್ದ ಅಣ್ಣ ಒಳಗೆ ಬಂದ, ಬರಿಗಾಲಿನಲ್ಲಿ, ಆಲೂಗಡ್ಡೆಯ ಬುಟ್ಟಿಯನ್ನು ಹೊಟ್ಟೆಗೆ ಒತ್ತಿಹಿಡಿದು. ಫೋಟೋಗಿಂತ ಬಾಗಿದ್ದ. ಹೊರ್ತೆನ್ಸ್ ಎದ್ದು ನಿಂತಳು. ಅವನು ಅವಳನ್ನೊಮ್ಮೆ ನೋಡಿ, ನೆಲಕ್ಕೆ ಗೋಣಿ ಹಾಸಿ, ಆಲೂಗಡ್ಡೆ ಸುರಿದು ಆರಿಸಲು ಕೂತ. ದೊಡ್ಡವು ಒಂದು ಕಡೆ, ಬಿತ್ತನೆಯವು ಒಂದು ಕಡೆ. "ಆನ್ಸೆಲ್ಮ್," ಎಂದಳು ಅವಳು. "ನಾನು ಕಣೋ." ಅವನು ತಲೆಯೆತ್ತಲಿಲ್ಲ.

"ಮರೆತ," ಎಂದಳು ಕೊಲೇಟಾ, ತುಟಿಯನ್ನು ತೋರಿಸಿ. "ನಿನ್ನ ಮಾತು ಅವನು ಮರೆತ. ಇಲ್ಲಿ ಯಾರು ಮಾತಾಡೋದು?" ಆಮೇಲೆ ಬೆರಳೆತ್ತಿ, "ಕೇಳು," ಎಂದಳು.

ಅವನು ಎಣಿಸುತ್ತಿದ್ದ. ಮೆಲ್ಲಗೆ, ಒಂದೊಂದು ಗಡ್ಡೆಗೂ ಒಂದೊಂದು ಅಂಕಿ. ಹನ್ನೊಂದು, ಹನ್ನೆರಡು, ಹದಿಮೂರು. ಫ್ರೆಂಚಿನಲ್ಲಿ. ಅದೂ ತಮ್ಮೂರಿನವರು ಎಳೆಯುವ ಹಾಗೆಯೇ ಎಳೆದು, ಎಪ್ಪತ್ತು-ತೊಂಬತ್ತುಗಳನ್ನು ತಮ್ಮ ಕಡೆಯವರು ಹೇಳುವ ರೀತಿಯಲ್ಲೇ ಹೇಳಿ. ಆ ಭಾಷೆಯಲ್ಲಿ ಎಣಿಕೆಯೊಂದು ಮಾತ್ರ ಉಳಿದಿತ್ತು.

ಹೊರ್ತೆನ್ಸ್ ಒಳ್ಳೆಯ ಸ್ಕರ್ಟಿನಲ್ಲೇ ಗೋಣಿಯ ಅಂಚಿಗೆ ಕೂತಳು. ನೂರಾದ ಮೇಲೆ ಅವನು ಮತ್ತೆ ಒಂದರಿಂದ ಶುರುಮಾಡಿದ. ಅವಳು "ಎರಡು" ಎಂದಳು. ಅವನು ಒಂದು ಕ್ಷಣ ತಡೆದು, "ಮೂರು" ಎಂದ. ಹಾಗೇ ಹೋಯಿತು. ಒಂದು ಅವನದು, ಒಂದು ಅವಳದು. ನಲವತ್ತರ ಹೊತ್ತಿಗೆ ಅವಳ ಸರದಿ ತಪ್ಪಿತು. ಅವನು ಗಡ್ಡೆ ಹಿಡಿದು ಕಾದ. ಅವಳು ಹೇಳಿದ ಮೇಲೆಯೇ ಗುಡ್ಡೆಗೆ ಹಾಕಿದ.

ಕೊಲೇಟಾ ಬಾಗಿ ಅವನನ್ನು ಕೇಳಿದಳು, ತಮ್ಮ ಭಾಷೆಯಲ್ಲಿ: "ಯಾರು ಅಂತ ಗೊತ್ತೇನೋ ಇವ್ರು?"

"ಗೊತ್ತಿಲ್ದೆ ಏನು? ತಂಗಿ. ದಪ್ಪ ಆಗವ್ಳೆ."

ಕೊಲೇಟಾ ಫಕ್ಕನೆ ನಕ್ಕಳು. ಆಮೇಲೆ ಆ ಮಾತನ್ನು ಫ್ರೆಂಚಿಗೆ ತಂದಳು, ದಪ್ಪದ್ದನ್ನು ಬಿಟ್ಟು. ಹೊರ್ತೆನ್ಸ್ ಒಂದು ಗಡ್ಡೆ ತೆಗೆದುಕೊಂಡು ಅದರ ಮಣ್ಣನ್ನು ಹೆಬ್ಬೆರಳಿನಿಂದ ಒರೆಸಿದಳು, ಮತ್ತೆ ಮತ್ತೆ ಒರೆಸಿದಳು.

"ನಿನ್ನ ಕಾಂಗೋದಾಗವ್ನೆ ಅಂದಿದ್ರಂತೆ ಕಣೋ ಅವರೂರಲ್ಲಿ," ಎಂದಳು ಕೊಲೇಟಾ ಅವನಿಗೆ.

"ಕಾಂಗೋ?" ಅವನು ಯೋಚಿಸಿದ. "ಅಲ್ಲಿ ಆಲೂಗಡ್ಡೆ ಆಯ್ತದಾ?"

"ನಂಗೇನು ಗೊತ್ತು? ಹೋಗಿ ಬಂದೋನು ನೀನು!"

ಅವನು ಹೆಗಲು ಕುಣಿಸಿ ನಕ್ಕ. ಮುಂದಿನ ಎರಡು ಹಲ್ಲು ಇರಲಿಲ್ಲ. ಆ ಇಬ್ಬರೂ ನಗುವುದನ್ನು ಹೊರ್ತೆನ್ಸ್ ನೋಡಿದಳು. ನಕ್ಕದ್ದು ಯಾವುದಕ್ಕೆ ಎಂದು ತಿಳಿಯಲಿಲ್ಲ. ತಮ್ಮ ಮನೆಯಲ್ಲಿ ಕೊನೆಯ ಸಲ ಇಬ್ಬರು ಒಟ್ಟಿಗೆ ನಕ್ಕದ್ದು ಯಾವಾಗ ಎಂಬುದೂ ಅವಳಿಗೆ ನೆನಪಾಗಲಿಲ್ಲ.

ಕೊಲೇಟಾ ನಗು ನಿಲ್ಲಿಸಿದಳು. ಒದ್ದೆಯಿಲ್ಲದ ಕೈಯನ್ನು ಏಪ್ರನ್ನಿಗೆ ಒರೆಸಿಕೊಂಡಳು. "ನಿನ್ನ ಕರ್ಕೊಂಡು ಹೋಗಾಕೆ ಬಂದವ್ಳೆ," ಎಂದಳು. "ನಿಮ್ಮೂರಿಗೆ. ಓಯ್ತೀಯಾ? ಓಗಂಗಿದ್ರೆ ಓಗು, ನಾನು ತಡೆಯಾಕಿಲ್ಲ. ನಿನ್ನ ಅಂಗಿಗಳೆಲ್ಲ ಇಸ್ತ್ರಿ ಮಾಡಿ ಇಟ್ಟಿವ್ನಿ." ಅಷ್ಟು ಹೇಳಿ ಒಲೆಯ ಕಡೆ ತಿರುಗಿ, ಉರಿಯುತ್ತಿದ್ದ ಬೆಂಕಿಯನ್ನೇ ಕೆದಕುತ್ತ ನಿಂತಳು.

ಆನ್ಸೆಲ್ಮ್ ಇನ್ನೆರಡು ಗಡ್ಡೆಗಳನ್ನು ಆರಿಸಿ ಗುಡ್ಡೆಗೆ ಹಾಕಿದ.

"ಮನೇಲಿ ಯಾರವ್ರೆ?" ಎಂದ ಕೊನೆಗೆ.

ಕೊಲೇಟಾ ತಿರುಗದೆಯೇ ಅದನ್ನು ಫ್ರೆಂಚಿಗೆ ದಾಟಿಸಿದಳು. "ಯಾರೂ ಇಲ್ಲ," ಎಂದಳು ಹೊರ್ತೆನ್ಸ್. "ಅಮ್ಮ ಹೋದಳು. ನಾನೊಬ್ಬಳೇ."

"ದನ?"

"ಇಲ್ಲ."

"ಕೋಳಿನಾದ್ರೂ?"

"ಇಲ್ಲ. ಅಂಗಡಿ ಇದೆ. ಮೇಲ್ಗಡೆ ಎರಡು ರೂಮು ಇದೆ. ನದಿ ಕಾಣ್ಸುತ್ತೆ."

ಅವನು ಅವಳ ಮುಖವನ್ನು ಈಗ ನೆಟ್ಟಗೆ ನೋಡಿದ. ಬಿತ್ತನೆಗೆ ಬರುತ್ತದೋ ಇಲ್ಲವೋ ಎಂದು ಗಡ್ಡೆಯನ್ನು ತಿರುವಿ ನೋಡುವ ಹಾಗೆ, ಅವಸರವಿಲ್ಲದೆ. ಆಮೇಲೆ ಕೊಲೇಟಾಳಿಗೆ ಉದ್ದಕ್ಕೆ ಏನೋ ಹೇಳಿದ. ಕೊಲೇಟಾ ಕೈಲಿದ್ದ ಕಬ್ಬಿಣದ ಕಡ್ಡಿಯನ್ನು ಕೆಳಗಿಟ್ಟಳು.

"ಏನಂತೆ?" ಎಂದಳು ಹೊರ್ತೆನ್ಸ್.

"ಅವನು ಹೇಳ್ತಾನೆ..." ಕೊಲೇಟಾಳ ಕಿವಿ ಕೆಂಪಾಗಿತ್ತು. ಯಜಮಾನಿಯ ಮಾತುಗಳಲ್ಲೇ ಹುಡುಕಿದಳು. "ಮೇಲೆ ಕೋಣೆ ಖಾಲಿ. ನನ್ನ ಮಗಳ ಕೋಣೆ. ಅವನು ಹೇಳ್ತಾನೆ, ಯಾರೂ ಇಲ್ಲದೋರು ಈ ಊರಿಗೆ ಬರ್ತಾರೆ. ನೀನು ಬಂದೆ. ನೀನು ಇಲ್ಲಿ ಇರು. ತಿನ್ನು. ಮಲಗು."

ಒಲೆಯ ಮೇಲೆ ನೀರು ಕುದಿಯುತ್ತಿತ್ತು. ತನ್ನನ್ನು ಯಾವ ಸಾಲಿಗೆ ಸೇರಿಸಿದ್ದಾನೆ ಎಂಬುದು ಹೊರ್ತೆನ್ಸ್‌ಗೆ ಅರ್ಥವಾಯಿತು. ಸಿಟ್ಟು ಬರಬೇಕಾಗಿತ್ತು. ಬರಲಿಲ್ಲ. ಮೇಲಿನ ಆ ಕೋಣೆ ಹೇಗಿದ್ದೀತು ಎಂದು ಯೋಚಿಸುತ್ತಿರುವುದು ಅರಿವಾಗಿ ಬೆಚ್ಚಿದಳು.

"ಅಂಗಡಿ ತೆಗೀಬೇಕು," ಎಂದಳು. "ಸೋಮವಾರ ಸ್ಕೂಲಿನವರು ನೋಟ್‌ಬುಕ್ಕಿಗೆ ಬರ್ತಾರೆ."

ಕೊಲೇಟಾ ಅದನ್ನು ಹೇಳಿದಳು. ಅವನು ತಲೆದೂಗಿದ. ಕೆಲಸವೆಂದರೆ ಅವನಿಗೆ ತಿಳಿಯುತ್ತಿತ್ತು. ಎದ್ದು ಸೂಟ್‌ಕೇಸನ್ನು ತೆರೆದು, ಒಳಗೆ ಏನೂ ಇಲ್ಲದ್ದನ್ನು ಕಂಡು ನಾಲಿಗೆ ಲೊಚಗುಟ್ಟಿದ. ಮತ್ತೆ ಗೋಣಿಯ ಬಳಿ ಕೂತು, ದೊಡ್ಡ ಗಡ್ಡೆಗಳನ್ನೇ ಆರಿಸಿ ಅದಕ್ಕೆ ತುಂಬತೊಡಗಿದ. ಅವಳು ತಡೆಯಲಿಲ್ಲ.

ಊಟ ಮಾಡಿಸದೆ ಕೊಲೇಟಾ ಬಿಡಲಿಲ್ಲ. ರೈ ಬ್ರೆಡ್ಡು, ಹುರಿದ ಹಂದಿಮಾಂಸ, ಕಂದು ಸಕ್ಕರೆ. "ಮುಗಿಸು," ಎಂದಳು, "ಇನ್ನೂ ತಿನ್ನು." ಹೊರ್ತೆನ್ಸ್ ಮುಗಿಸಿದಳು, ಇನ್ನೂ ತಿಂದಳು. ಬಾಗಿಲಲ್ಲಿ ನಿಂತು ಹೊರಡುವಾಗ, ಈ ಭಾಷೆಯಲ್ಲಿ ಥ್ಯಾಂಕ್ಸ್ ಹೇಗೆ ಹೇಳುತ್ತಾರೆ ಎಂದು ಕೇಳಿದಳು. ಕೊಲೇಟಾ ಹೇಳಿಕೊಟ್ಟಳು. ಅವಳು ಎರಡು ಸಲ ತಪ್ಪಾಗಿ ಹೇಳಿದಳು, ಮೂರನೇ ಸಲ ಇಬ್ಬರೂ ಬಿಟ್ಟುಬಿಟ್ಟರು. ಮತ್ತೆ ಬಾ ಎಂದು ಅವಳೂ ಹೇಳಲಿಲ್ಲ, ಬರುತ್ತೇನೆ ಎಂದು ಇವಳೂ ಹೇಳಲಿಲ್ಲ.

ಬಸ್ಸಿನ ತನಕ ಆನ್ಸೆಲ್ಮ್ ಬಂದ. ಸೂಟ್‌ಕೇಸು ಅವನ ಕೈಯಲ್ಲಿತ್ತು. ಮರಳುದಾರಿಯ ಎರಡೂ ಕಡೆ ಕಿತ್ತ ಆಲೂಗಡ್ಡೆ ಹೊಲಗಳು, ಅವುಗಳ ಮೇಲೆ ಕಾಗೆಗಳು. ಎದುರಿಗೆ ಸೈಕಲ್ಲಿನಲ್ಲಿ ಬಂದವನೊಬ್ಬ "ಸೆಲ್ಲೆ!" ಎಂದು ಕೈಯೆತ್ತಿದ. ಬೇಲಿಯಾಚೆಯಿಂದ ಒಬ್ಬ ಮುದುಕಿಯೂ ಕೂಗಿದಳು. ಅವನು ಎಲ್ಲರಿಗೂ ಉತ್ತರಿಸಿದ. ಹೊರ್ತೆನ್ಸ್ ಅವನ ಹಿಂದೆ ಎರಡು ಹೆಜ್ಜೆ ಬಿಟ್ಟು ನಡೆದಳು, ಯಾರೂ ಅವಳಿಗೆ ಏನೂ ಹೇಳಲಿಲ್ಲ.

ನಿಲ್ದಾಣವೆಂದರೆ ಒಂದು ಕಂಬ. ಗಾಳಿ ಬಯಲಿನ ಮೇಲಿಂದ ನೇರ ಬೀಸುತ್ತಿತ್ತು. ಬಸ್ಸು ತಿರುವಿನಲ್ಲಿ ಕಾಣಿಸಿದಾಗ ಅವನು ಸೂಟ್‌ಕೇಸನ್ನು ಕೆಳಗಿಟ್ಟು ಅವಳ ಎದುರಿಗೆ ಬಂದು ನಿಂತ. ಅವಳ ಕೋಟಿನ ಗುಂಡಿಗಳನ್ನು ಕೆಳಗಿನಿಂದ ಒಂದೊಂದಾಗಿ ಹಾಕಿದ. ಕೊಲೇಟಾಳ ನಾಲ್ಕು ಮಕ್ಕಳನ್ನು ವರ್ಷಗಟ್ಟಲೆ ಹೀಗೆ ಶಾಲೆಗೆ ಕಳಿಸಿದ ಕೈ ಅದು, ತಡವರಿಸಲಿಲ್ಲ. ಕುತ್ತಿಗೆಯ ಗುಂಡಿಗೆ ಬಂದಾಗ ಅವಳು ಗಲ್ಲವನ್ನು ಮೇಲೆತ್ತಿದಳು. ಅವನ ಬೆರಳುಗಳು ಮಣ್ಣಿನ ವಾಸನೆ ಹೊಡೆಯುತ್ತಿದ್ದವು. ಹಾಕಿ ಮುಗಿಸಿ, ಕಾಲರನ್ನು ಒಮ್ಮೆ ತಟ್ಟಿ, ಬಸ್ಸಿಗೆ ಕೈ ತೋರಿಸಿದ.

ಬಸ್ಸಿನೊಳಗೆ ಬಿಸಿ ಗಾಳಿ ತುಂಬಿತ್ತು. ಮುಂದಿನ ಊರಿನಲ್ಲಿ ಸಂತೆ ಮುಗಿಸಿದ ಹೆಂಗಸರು ಹತ್ತಿದರು, ಕಿಟಕಿಗಳು ಉಸಿರಿನಿಂದ ಮಂಜಾದವು, ಎಲ್ಲರೂ ಕೋಟು ಬಿಚ್ಚಿ ತೊಡೆಯ ಮೇಲೆ ಇಟ್ಟುಕೊಂಡರು. ಹೊರ್ತೆನ್ಸ್‌ಳ ಹಣೆಯಲ್ಲಿ ಬೆವರು ಮೂಡಿತ್ತು. ಮೇಲಿನ ಗುಂಡಿ ಗಂಟಲಿಗೆ ಒತ್ತುತ್ತಿತ್ತು. ಅವಳು ಎರಡೂ ಕೈಗಳನ್ನು ಮಡಿಲಲ್ಲಿಟ್ಟುಕೊಂಡು, ಅದನ್ನು ಹಾಗೆಯೇ ಬಿಟ್ಟು ಕೂತಿದ್ದಳು.