ಗಿಣಿ ಹೇಳಿದ ದಾರಿ

ಬೆಡ್‌ಶೀಟಿನ ಒಂದು ತುದಿಯನ್ನು ನಲ್ಲಿಗೆ ಸುತ್ತಿ, ಇನ್ನೊಂದು ತುದಿಯನ್ನು ಎರಡೂ ಕೈಯಲ್ಲಿ ಹಿಡಿದು ಹಿಂಡುತ್ತಿದ್ದವಳಿಗೆ ಹಿಂದೆ ಬಕೆಟ್ಟು ಉರುಳಿದ ಸದ್ದು ಕೇಳಿತು. ಸೋಪಿನ ನೀರು ಹಿತ್ತಲಿನ ತುಂಬ ಹರಿದು ಅವಳ ಪಾದ ತೋಯಿಸಿತು. ತಿರುಗಿ ನೋಡಿದರೆ ಗಂಡ, ಒದ್ದೆಯಾದ ಪ್ಯಾಂಟಿನ ಅಂಚು ಹಿಡಿದು ನಿಂತಿದ್ದ.

"ದಾರಿ ಮಧ್ಯ ಇಡ್ತೀಯಲ್ಲೇ!"

ಬಕೆಟ್ಟು ಇದ್ದದ್ದು ದಿನವೂ ಇರುವ ಜಾಗದಲ್ಲೇ, ಬಾಗಿಲ ಎಡಕ್ಕೆ, ಗೋಡೆಗೆ ಅಂಟಿಕೊಂಡು. ಆದರೂ "ತಪ್ಪಾಯ್ತು ಬಿಡಿ" ಎಂದು ಬಕೆಟ್ಟನ್ನು ಎತ್ತಿ ಒಳಗಿಟ್ಟಳು.

ಇತ್ತೀಚೆಗೆ ಅವಳು ಮಾಡುತ್ತಿದ್ದ ಕೆಲಸವೇ ಅದು. ಗಂಡ ಓಡಾಡುವ ಕಡೆಯಿಂದ ಒಂದೊಂದೇ ಸಾಮಾನು ಸರಿಸುವುದು. ಮೊದಲು ಕುರ್ಚಿ, ಆಮೇಲೆ ಮಗಳ ಚಪ್ಪಲಿ, ಆಮೇಲೆ ನೀರಿನ ಕೊಡ. ಟೀ ಲೋಟವನ್ನು ಪಕ್ಕದಲ್ಲಿಟ್ಟರೆ ಅವನ ಕೈ ಮೇಜಿನ ಮೇಲೆ ತಡಕಾಡುತ್ತಿತ್ತು. ಹಾಗಾಗಿ ಮುಂದೆಯೇ, ಮೂಗಿನ ನೇರಕ್ಕೆ ಇಡುತ್ತಿದ್ದಳು. ಕಣ್ಣಿನ ಡಾಕ್ಟರ ಹತ್ತಿರ ಹೋಗಿ ಬಂದವನು "ದಣಿವಂತೆ, ನಿದ್ದೆ ಸಾಲದಂತೆ" ಎಂದಿದ್ದ. ಅವತ್ತಿನಿಂದ ಅವನು ಪಕ್ಕಕ್ಕೆ ನೋಡಬೇಕಾದರೆ ಇಡೀ ಕತ್ತನ್ನೇ ತಿರುಗಿಸುತ್ತಿದ್ದ, ಕೋಳಿಯ ಹಾಗೆ. ನಿಮಗೆ ಕಣ್ಣು ಸರಿಯಾಗಿ ಕಾಣುತ್ತಾ ಎಂದು ಕೇಳಿದರೆ ಆಯಿತು. ಆದರೆ ಕೇಳಿದರೆ ಅವನು ಉತ್ತರ ಹೇಳಬೇಕು. ಹೇಳಿದರೆ ಅವನು ಓಡಿಸುವ ಪ್ರವಾಸದ ಬಸ್ಸಿನಿಂದ ಇಳಿಯಬೇಕು. ಆ ಸ್ಟೀರಿಂಗ್ ಬಿಟ್ಟರೆ ಅವನಿಗೆ ಬೇರೆ ಕಸುಬು ಗೊತ್ತಿರಲಿಲ್ಲ, ಮನೆಗೆ ಬೇರೆ ಆಧಾರವೂ ಇರಲಿಲ್ಲ. ಅವಳು ಆ ಮಾತನ್ನು ನಾಲಿಗೆಯ ಕೆಳಗೆ ಇಟ್ಟುಕೊಂಡೇ ಪಾತ್ರೆ ತೊಳೆಯುತ್ತಿದ್ದಳು.

"ಬಟ್ಟೆ ಹಾಗೇ ಬಿಡು. ಇಬ್ರೂ ಬೇಗ ರೆಡಿ ಆಗಿ. ಇವತ್ತು ನನ್ನ ಬಸ್ಸಲ್ಲಿ ಬರ್ತಿದೀರಿ."

"ಏನ್ರೀ ಸಮಾಚಾರ? ಮದುವೆ ಆದಾಗಿಂದ ಕೇಳಿ ಕೇಳಿ ನನ್ನ ಬಾಯಿ ನೋವಾಯ್ತು. ಇವತ್ತೇನು ಸೂರ್ಯ ದಿಕ್ಕು ಬದಲಾಯಿಸಿದನಾ?"

"ಗೈಡ್ ರಜ ಹಾಕಿದಾನೆ. ಅವನ ಸೀಟು ಖಾಲಿ. ಗಿಣಿಗೂ ಸ್ಕೂಲಿಲ್ಲ. ಅರ್ಧ ದಿನ ತಾನೇ, ಮಧ್ಯಾಹ್ನ ಊಟಕ್ಕೆ ಮನೇಲಿರ್ತೀವಿ."

ಗಿಣಿ ಎಂದರೆ ಅವರ ಎಂಟು ವರ್ಷದ ಮಗಳು. ಬಾಯಿಗೆ ಬಿಡುವಿಲ್ಲದ್ದರಿಂದ ಬಂದ ಹೆಸರು. ಅಪ್ಪನ ಮಾತು ಕಿವಿಗೆ ಬಿದ್ದದ್ದೇ ತಡ, ಹಲ್ಲುಜ್ಜುವ ಬ್ರಷ್ಷು ಬಾಯಲ್ಲಿಟ್ಟುಕೊಂಡೇ ಕುಣಿದಳು. ಅಮ್ಮನಿಗೆ ಮಾತ್ರ ಕುಣಿಯುವ ಮನಸ್ಸು ಬರಲಿಲ್ಲ. ಹಿಂಡಿದ ಶೀಟು ಹಗ್ಗದ ಹಾಗೆ ಸುರುಳಿಯಾಗಿ ನಲ್ಲಿಯಿಂದ ನೇತಾಡುತ್ತಿತ್ತು. ಅದನ್ನು ಹರವಲೂ ಪುರುಸೊತ್ತಾಗಲಿಲ್ಲ.

ಪ್ರವಾಸದ ಬಸ್ಸುಗಳು ಹೊರಡುವುದು ಬಂದರಿನ ಬೀದಿಯಿಂದ. ಕ್ರೇನುಗಳ ಹಿಂದೆ ಸಮುದ್ರ ಬೂದಿಬಣ್ಣಕ್ಕೆ ತಿರುಗಿತ್ತು. ಹೋಟೆಲುಗಳಿಂದ ಬಂದ ಜನ ನೀರಿನ ಬಾಟಲಿ, ಕ್ಯಾಮೆರಾ ಹಿಡಿದು ಒಬ್ಬೊಬ್ಬರಾಗಿ ಹತ್ತುತ್ತಿದ್ದರು. ಟೀ ಅಂಗಡಿಯ ಮೂಲೆಯಲ್ಲಿ ಗೈಡ್ ನಿಂತಿದ್ದ. ಗಿಣಿ ಅವನನ್ನು ಮೈಕು ಮಾಮ ಎನ್ನುತ್ತಿದ್ದಳು. ಮೈಮೇಲೆ ಯೂನಿಫಾರ್ಮ್ ಇರಲಿಲ್ಲ. ಮಗಳು ಅಪ್ಪನ ಜೊತೆ ಓಡಿಹೋಗಿ ಬಸ್ಸು ಹತ್ತಿದ್ದನ್ನು ನೋಡಿ ಅವನ ಮುಖ ಕಪ್ಪಿಟ್ಟಿತು.

"ಅತ್ತಿಗೆ, ನೀವ್ಯಾಕೆ ಬಂದ್ರಿ?"

"ನಿಮಗೆ ರಜ ಅಂದ್ರಲ್ಲ, ಸೀಟು ಖಾಲಿ ಅಂತ..."

"ರಜಾನಾ?" ಅವನು ಲೋಟವನ್ನು ಕೆಳಗಿಟ್ಟ. "ನಾನು ಕೆಲಸಾನೇ ಬಿಟ್ಟೆ ಅತ್ತಿಗೆ. ಮೊನ್ನೆ ಗುಡ್ಡದ ಸುರಂಗ ದಾಟಿದ ಮೇಲೆ ಯೂನಿಫಾರ್ಮ್ ವಾಪಸ್ ಕೊಟ್ಟುಬಿಟ್ಟೆ. ಪಕ್ಕದಲ್ಲಿ ಕೂತು ಅಣ್ಣಂಗೆ ದಾರಿ ಹೇಳಿ ಹೇಳಿ ನಂಗೆ ಸಾಕಾಯ್ತು. ಡಾಕ್ಟರ ಹತ್ರ ಮತ್ತೆ ಹೋಗು ಅಂದ್ರೆ ಸಿಡುಕ್ತಾನೆ. ಮಗೂನ ಮುಂದೆ ಕೂರಿಸ್ಬೇಡಿ."

ಸುರಂಗದಲ್ಲಿ ಏನಾಯಿತು ಎಂದು ಕೇಳಬೇಕಿತ್ತು. "ಟೀ ಆರಿ ಹೋಗುತ್ತೆ, ಕುಡೀರಿ" ಎಂದಳು.

ಹಾರ್ನ್ ಆಯಿತು. ಓಡಿ ಹೋಗಿ ಹತ್ತುವಷ್ಟರಲ್ಲಿ ಗಿಣಿ ಅಪ್ಪನ ಪಕ್ಕದ ಗೈಡ್‌ನ ಸೀಟಿನಲ್ಲಿ ಕೂತು, ಬೆಲ್ಟ್ ಬಿಗಿದುಕೊಂಡು, ಬಸ್ಸು ತನ್ನದೇ ಎನ್ನುವ ಹಾಗೆ ಹಿಂದಿನವರತ್ತ ಕೈ ಬೀಸುತ್ತಿದ್ದಳು. ಜನ ನಗುತ್ತಿದ್ದರು. ಇಷ್ಟು ಜನರ ಎದುರು ಅವಳನ್ನು ಎಬ್ಬಿಸಿದರೆ ಯಾಕೆಂದು ಹೇಳಬೇಕಾಗುತ್ತಿತ್ತು. ಅಮ್ಮ ಮಗಳ ಹಿಂದಿನ ಸೀಟಿನಲ್ಲಿ ಕೂತು ಮುಂದಿನ ಕಂಬಿ ಹಿಡಿದಳು.

"ಒಂದು ಆಟ ಆಡೋಣ ಗಿಣಿ," ಎಂದ ಗಂಡ, ಬಸ್ಸು ಹೊರಡಿಸುತ್ತ. "ರಸ್ತೇಲಿ ಏನೇನು ಕಾಣ್ಸುತ್ತೋ ಎಲ್ಲಾ ಹೇಳ್ಬೇಕು. ಎಡಗಡೆ, ಬಲಗಡೆ, ಎಲ್ಲಾ. ಬಾಯಿ ನಿಲ್ಲಿಸಿದ್ರೆ ಔಟ್."

"ಅವಳಿಗೆ ಬಾಯಿ ನಿಲ್ಲಿಸೋ ಆಟ ಆಡ್ಸಿದ್ರೆ ಮನೆಯೋರಿಗೆ ಉಪಕಾರ ಆಗ್ತಿತ್ತಪ್ಪ," ಎಂದರು ಪಕ್ಕದ ಸಾಲಿನಲ್ಲಿದ್ದ ಮುದುಕರು. ಕೆಂಪು ಟೋಪಿ, ಕೊರಳಲ್ಲಿ ಹಳೆಯ ಕ್ಯಾಮೆರಾ. ಗಿಣಿ ಆಗಲೇ ಅವರಿಗೆ ಟೋಪಿ ತಾತ ಎಂದು ಹೆಸರಿಟ್ಟಾಗಿತ್ತು.

ಆಟ ಶುರುವಾಯಿತು. "ಎಡಗಡೆ ಹಾಲಿನ ವ್ಯಾನು! ಬಲಗಡೆ ನಾಯಿ, ಮಲಗಿದೆ! ಎಡಗಡೆ ಇಬ್ರು ಅಜ್ಜಿಯರು, ಒಬ್ರು ಬೈತಿದಾರೆ!" ಬಸ್ಸು ತುಂಬ ನಗು. ಗಂಡನೂ ನಗುತ್ತಿದ್ದ, ಆದರೆ ಕತ್ತು ಕಲ್ಲಿನ ಹಾಗೆ ಬಿಗಿದಿತ್ತು. ಊರು ಮುಗಿದು ಹೊಲಗಳು ಬಂದವು. ಬೇಲಿಯಾಚೆ ಕುರಿಗಳು, ಯಾರೂ ಇಲ್ಲದ ಗಿರಣಿ, ತುಕ್ಕು ಹಿಡಿದ ಟ್ರ್ಯಾಕ್ಟರು. ತಿರುವುಗಳನ್ನೆಲ್ಲ ಅವನು ಬೆಣ್ಣೆಯಿಂದ ಕೂದಲೆಳೆದಂತೆ ದಾಟುತ್ತಿದ್ದ. ವರ್ಷಗಟ್ಟಲೆ ಅದೇ ರಸ್ತೆ. ಗುಂಡಿ ಬರುವ ಮೊದಲೇ ವೇಗ ಇಳಿಯುತ್ತಿತ್ತು. ನನಗೇ ಹುಚ್ಚು ಅನುಮಾನವೇನೋ ಎಂದುಕೊಂಡು ಅವಳು ಕಂಬಿಯ ಮೇಲಿನ ಕೈ ಸಡಿಲಿಸಿದ್ದಳು.

"ಸೈಕಲ್! ಎಡಗಡೆ ಸೈಕಲ್ ಅಪ್ಪಾ!"

ಬ್ರೇಕಿಗೆ ಎಲ್ಲರೂ ಮುಂದಕ್ಕೆ ವಾಲಿದರು. ಸೈಕಲಿನವನು ಬಸ್ಸಿಗೆ ತೀರ ಅಂಟಿಕೊಂಡು, ಏನೋ ಕೂಗುತ್ತ, ಚರಂಡಿಗೆ ಕಾಲೂರಿ ನಿಂತ. ಅವನು ಇದ್ದಕ್ಕಿದ್ದಂತೆ ನುಗ್ಗಿದವನಲ್ಲ. ಬಹಳ ಹೊತ್ತಿನಿಂದ ಮುಂದೆ ಹೋಗುತ್ತಿದ್ದ, ಅವಳೇ ನೋಡಿದ್ದಳು.

"ಕಿವಿಗೆ ಹೆಡ್‌ಫೋನು ಸಿಕ್ಕಿಸ್ಕೊಂಡು ಬರ್ತಾರೆ ನೋಡಿ," ಎಂದ ಗಂಡ, ಹಿಂದೆ ಕೂತವರಿಗೆ ಕೇಳುವ ಹಾಗೆ. ಸೈಕಲಿನವನ ಕಿವಿಯಲ್ಲಿ ಏನೂ ಇರಲಿಲ್ಲ.

ಗುಡ್ಡ ಹತ್ತಿ ಸುರಂಗಕ್ಕೆ ಬಂದರು. ಹೊರಗಿನ ಬಿಸಿಲು ಕತ್ತರಿಸಿದ ಹಾಗೆ ನಿಂತು, ಒಮ್ಮೆಲೇ ಕತ್ತಲಾಯಿತು. ದೀಪಗಳು ಅಲ್ಲೊಂದು ಇಲ್ಲೊಂದು. ಗಿಣಿ ಅಷ್ಟು ದೊಡ್ಡ ಕತ್ತಲೆಯನ್ನು ಹಗಲಲ್ಲಿ ನೋಡಿದವಳಲ್ಲ. ಬಾಯಿ ತೆರೆದೇ ಇತ್ತು, ಮಾತು ಬರಲಿಲ್ಲ.

"ಹೇಳು ಗಿಣಿ." ಅವನ ದನಿ ತಗ್ಗಿತ್ತು. "ಹೇಳಮ್ಮಾ. ಗೋಡೆ ಎಲ್ಲಿದೆ? ಹೇಳು, ಹೇಳು..."

ಎಡಚಕ್ರ ಏನನ್ನೋ ಹತ್ತಿತು. ಕನ್ನಡಿ ಗೋಡೆಗೆ ಉಜ್ಜಿದ ಕರ್ಕಶ ಸದ್ದು ಬಸ್ಸಿನ ಉದ್ದಕ್ಕೂ ಹರಿಯಿತು. ಅವಳು ಹಿಂದಿನಿಂದ ಎರಡೂ ಕೈ ಚಾಚಿ ಮಗಳ ಹೆಗಲು ಹಿಡಿದಳು. ಆಮೇಲೆ ಬೆಳಕು.

"ಸುರಂಗ ಸಣ್ಣ ಆಯ್ತೋ, ಬಸ್ಸು ದಪ್ಪ ಆಯ್ತೋ?" ಎಂದರು ಟೋಪಿ ತಾತ. ಈ ಸಲ ನಕ್ಕವರು ಕಡಿಮೆ.

ಗಿಣಿ ಸೀಟಿನ ಸಂದಿಯಿಂದ ಹಿಂದಕ್ಕೆ ಮುಖ ತಿರುಗಿಸಿದಳು. "ಅಮ್ಮಾ, ಅಪ್ಪ ಯಾಕೆ..."

"ಶ್. ಮುಂದೆ ನೋಡು."

ಹಣ್ಣಿನ ತೋಟದಲ್ಲಿ ಪ್ರವಾಸಿಗಳೆಲ್ಲ ಇಳಿದು ಬುಟ್ಟಿ ಹಿಡಿದು ಸಾಲುಮರಗಳ ನಡುವೆ ಚದುರಿದರು. ಗಿಣಿ ಅಮ್ಮನ ಸೆರಗು ಹಿಡಿದೇ ನಡೆದಳು. ಕಿತ್ತ ಹಣ್ಣು ಕೈಯಲ್ಲೇ ಇತ್ತು, ಕಚ್ಚಿರಲಿಲ್ಲ.

"ಅಮ್ಮಾ, ಅಪ್ಪ ಬಸ್ಸಿನ ಮೆಟ್ಲನ್ನ ಕಾಲಲ್ಲಿ ಹುಡುಕ್ತಾರೆ. ನೀನು ನೋಡಿದೀಯಾ?"

"ಹಣ್ಣು ತಿನ್ನು."

"ಅಪ್ಪನ್ನೇ ಕೇಳ್ಲಾ?"

"ಈಗ ಬೇಡ ಪುಟ್ಟಾ. ಆಮೇಲೆ." ಕೈ ತಾನಾಗಿ ಮಗಳ ಬಾಯಿಯ ಮೇಲೆ ಹೋಗಿತ್ತು. ಮಗುವಿನ ಬಿಸಿ ಉಸಿರು ಅಂಗೈಗೆ ತಾಗಿದಾಗ ತಾನೇನು ಮಾಡುತ್ತಿದ್ದೇನೆಂದು ತಿಳಿದು ಕೈ ತೆಗೆದಳು.

ಮಗಳನ್ನು ಟೋಪಿ ತಾತನ ಜೊತೆ ಬಿಟ್ಟು ಬಸ್ಸಿಗೆ ಬಂದಳು. ಗಂಡ ಇಳಿದಿರಲಿಲ್ಲ. ಸ್ಟೀರಿಂಗಿನ ಮೇಲೆ ಎರಡೂ ಕೈ ಇಟ್ಟು, ನಿಂತ ಬಸ್ಸನ್ನೇ ಓಡಿಸುವವನಂತೆ ಕೂತಿದ್ದ.

"ಹಣ್ಣು ತಂದಿದೀನಿ."

ಅವನು ಕೈ ಚಾಚಿದ, ಹಣ್ಣಿದ್ದ ಕಡೆಗಲ್ಲ. ಅವಳು ಹಣ್ಣನ್ನು ಆ ಕೈಗೆ ಒಯ್ದು ಇಟ್ಟಳು.

"ಈ ದಾರಿ ನನ್ನ ಕೈಗೆ ಗೊತ್ತು ಕಣೇ," ಎಂದ. "ಮಲಗಿದ್ರೂ ಓಡಿಸ್ತೀನಿ."

"ದಾರಿ ಗೊತ್ತು, ಸರಿ. ದಾರಿಗೆ ಅಡ್ಡ ಬರೋರು?"

"ಅದಕ್ಕೇ ಗಿಣಿ ಇದಾಳಲ್ಲ. ಎಷ್ಟು ಚೆನ್ನಾಗಿ ಹೇಳ್ತಾಳೆ ನೋಡು. ಆ ಗೈಡಿಗಿಂತ ವಾಸಿ." ಅವನ ದನಿಯಲ್ಲಿ ನಿಜವಾದ ಹೆಮ್ಮೆಯಿತ್ತು. "ರಜ ಇದ್ದಾಗೆಲ್ಲ ಕರ್ಕೊಂಡು ಬರ್ತೀನಿ. ಸ್ಕೂಲಿರೋ ದಿನ ನೀನು ಬಾ. ಬಟ್ಟೆ ಒಗೆಯೋದು ಸಂಜೆಗೆ ಇಟ್ಕೋ. ಹೇಗೋ ತಳ್ಳಬಹುದು."

ಒಂದು ಗಳಿಗೆ ಅವಳೂ ಲೆಕ್ಕ ಹಾಕಿದಳು. ಬೆಳಿಗ್ಗೆ ಬೇಗ ಎದ್ದರೆ ಅಡುಗೆ ಮುಗಿಯುತ್ತದೆ, ಮಗಳನ್ನು ಪಕ್ಕದ ಮನೆಯವರು ಸ್ಕೂಲಿಗೆ ಬಿಡುತ್ತಾರೆ... ಅಷ್ಟರಲ್ಲಿ ಕಿಟಕಿಯಾಚೆ ಮರದ ಕೆಳಗೆ ಮಗಳು ತಾತನ ಬುಟ್ಟಿಗೆ ಹಣ್ಣು ಹಾಕುವುದು ಕಾಣಿಸಿತು. ತಾನು ಹಾಕುತ್ತಿದ್ದ ಲೆಕ್ಕ ಎಂಥದೆಂದು ಹೊಳೆದು ಅವಳಿಗೇ ಭಯವಾಯಿತು.

ವಾಪಸು ಹೊರಟಾಗ ಸಮುದ್ರದ ಕಡೆಯಿಂದ ಮಂಜು ಏರಿ ಬಂದಿತ್ತು. ಗಿಣಿಗೆ ಆಟ ಸಾಕಾಗಿತ್ತು. "ಮಂಜು. ಮಂಜು. ಮರ. ಮಂಜು," ಎನ್ನುತ್ತಿದ್ದಳು. ಅವಳು ನಿಲ್ಲಿಸಿದಾಗೆಲ್ಲ ಅಮ್ಮ ಮುಂದಕ್ಕೆ ಬಾಗಿ ಹೇಳುತ್ತಿದ್ದಳು. "ಎಡಗಡೆ ಗಾಡಿ ನಿಂತಿದೆ. ಬಲಗಡೆ ಲಾರಿ ಬರ್ತಿದೆ." ಹಿಂದಿನಿಂದ ಯಾರೋ, "ಸಂಸಾರ ಸಮೇತ ಡ್ರೈವಿಂಗು!" ಎಂದರು.

ಸುರಂಗಕ್ಕೆ ಮೊದಲು ಒಂದು ತಿರುವಿದೆ, ಅಲ್ಲಿಂದ ಊರೂ ಸಮುದ್ರವೂ ಕಾಣುತ್ತವೆಂದು ಬಸ್ಸು ನಿಲ್ಲಿಸುವುದು ವಾಡಿಕೆ. ಈವತ್ತು ಕಂಡದ್ದು ಬರೀ ಬಿಳಿ. ಇಳಿದವರು ಕೈ ಉಜ್ಜಿಕೊಂಡು ಬೇಗನೆ ಹತ್ತಿ ಕೂತರು. ಎಂಜಿನ್ ಗುರುಗುಟ್ಟುತ್ತಿತ್ತು, ಹ್ಯಾಂಡ್‌ಬ್ರೇಕು ಹಾಕಿತ್ತು.

"ಎಲ್ಲಾ ಹತ್ತಿದ್ರಾ?" ಎಂದ ಗಂಡ.

"ಹೂಂ, ಹೊರಡಿ," ಎಂದರು ಯಾರೋ ನಿದ್ದೆಗಣ್ಣಲ್ಲಿ.

ಟೋಪಿ ತಾತನ ಸೀಟು ಖಾಲಿಯಿತ್ತು. ಅಮ್ಮ ಮುಂದಿನ ಗಾಜಿನಿಂದ ಹೊರಗೆ ನೋಡಿದಳು. ಬಸ್ಸಿನ ಎಡಮೂಲೆಯ ಮುಂದೆಯೇ, ಬೆನ್ನು ಹಾಕಿ, ಮಂಜಿನ ಫೋಟೋ ತೆಗೆಯಲು ಬಾಗಿ ನಿಂತಿದ್ದರು ಅವರು. ಕೆಂಪು ಟೋಪಿ ಕೆಂಡದ ಹಾಗೆ ಕಾಣುತ್ತಿತ್ತು.

"ಮುಂದೆ ಯಾರೂ ಇಲ್ಲ ತಾನೇ, ಗಿಣಿ?"

ಗಿಣಿ ತಾತನನ್ನು ನೋಡಿದಳು. ಅಪ್ಪನನ್ನು ನೋಡಿದಳು. ಬೆಳಿಗ್ಗೆಯಿಂದ ಮೊದಲ ಸಲ ಬೇಕೆಂದೇ ಬಾಯಿ ಮುಚ್ಚಿ ಕೂತಳು. ಆಮೇಲೆ, "ಈ ಸಲ ನಿನ್ನ ಸರದಿ ಅಪ್ಪಾ. ನೀನು ಹೇಳು," ಎಂದಳು.

"ಆಟ ಸಾಕು, ಹೊತ್ತಾಯ್ತು."

"ಒಂದೇ ಸಲ. ನಾನು ಎಷ್ಟು ಹೇಳಿದೆ! ಎದುರಿಗೆ ಏನೇನಿದೆ, ಹೇಳು."

ಅವನು ನಕ್ಕ. ಮುಂದಕ್ಕೆ ನೋಡುತ್ತ, ಪಾಠ ಒಪ್ಪಿಸುವವನಂತೆ ಹೇಳಿದ: "ಬಲಗಡೆ ಕಲ್ಲಿನ ಕಟ್ಟೆ. ಆಮೇಲೆ ಸುರಂಗದ ಬಾಯಿ. ಎಡಗಡೆ ಹಳದಿ ಬೋರ್ಡು, ನಿಧಾನವಾಗಿ ಚಲಿಸಿ ಅಂತ."

ಎಡಗಡೆ ಬೋರ್ಡಿನ ಎರಡು ಕಂಬಗಳು ಮಾತ್ರ ಇದ್ದವು. ಹಲಗೆ ಎಂದೋ ಬಿದ್ದುಹೋಗಿತ್ತು.

"ಮತ್ತೆ?" ಎಂದಳು ಗಿಣಿ. ದನಿ ಸಣ್ಣದಾಗಿತ್ತು.

"ಮತ್ತೇನು? ಅಷ್ಟೇ." ಅವನ ಕೈ ಹ್ಯಾಂಡ್‌ಬ್ರೇಕಿನ ಮೇಲೆ ಹೋಯಿತು.

ಅಮ್ಮ ಮುಂದಕ್ಕೆ ಬಾಗಿ ಆ ಕೈಯನ್ನು ತನ್ನ ಕೈಯಿಂದ ಒತ್ತಿ ಹಿಡಿದಳು. ಬೇಸಿಗೆಯ ಕಬ್ಬಿಣದಂತೆ ಬಿಸಿಯಾಗಿತ್ತು ಅದು. ಅವನು ಕತ್ತು ತಿರುಗಿಸಿ ಅವಳನ್ನು ನೋಡಿದ, ಬೇಡ ಎನ್ನುವಂತೆ. ಗಿಣಿ ಅಪ್ಪನನ್ನು ಬಿಟ್ಟು ಅಮ್ಮನತ್ತ ತಿರುಗಿದಳು, ಈಗಲೂ ಶ್ ಅನ್ನುತ್ತೀಯಾ ಎಂಬಂತೆ. ಅಮ್ಮನ ಇನ್ನೊಂದು ಕೈ ತೋಟದಲ್ಲಿ ಆದ ಹಾಗೆಯೇ ಮಗಳ ಬಾಯಿಯತ್ತ ಎದ್ದಿತು. ಅರ್ಧಕ್ಕೇ ನಿಂತಿತು. ಆ ಕೈಯಿಂದ ಮಗಳ ಕೆನ್ನೆ ಸವರಿ, "ಈಗ ಅಪ್ಪನ್ನ ಕೇಳು ಪುಟ್ಟಾ," ಎಂದಳು.

ಗಿಣಿ ಅಪ್ಪನ ಕಡೆ ತಿರುಗಿದಳು.

"ಟೋಪಿ ತಾತ ಅಲ್ಲೇ ನಿಂತಿದಾರಲ್ಲ ಅಪ್ಪಾ... ನಿಂಗೆ ಕಣ್ಣು ಕಾಣ್ಸಲ್ವಾ?"